ನೀಲಾ ಟೀಚರಿಗೊಂದು ಎಲೆ

ಮಣಿಪಾಲದ ಬಸ್‌ಸ್ಟ್ಯಾಂಡಿನಿಂದ ಸ್ವಲ್ಪ ಇಳಿದರೆ, ಹಾಸ್ಟೆಲ್ ಮಕ್ಕಳನ್ನೇ ನಂಬಿ ಬದುಕುವ ಒಂದು ಖಾನಾವಳಿ ಉಂಟು. ಬಾಗಿಲ ಪಕ್ಕದಲ್ಲೇ ಬಯಲುಸೀಮೆಯ ಹೆಂಗಸೊಬ್ಬರು ಕುಳಿತು ಜೋಳದ ರೊಟ್ಟಿ ಬಡಿಯುತ್ತಾರೆ. ಹಂಚಿಗೆ ಬಿದ್ದ ರೊಟ್ಟಿಯ ಮೇಲೆ ಒದ್ದೆ ಬಟ್ಟೆ ಆಡಿಸಿದಾಗ ಒಂದು ವಾಸನೆ ಏಳುತ್ತದೆ. ಅದು ಎಂಥದ್ದು ಎಂದು ನಿಮಗೆ ಹೇಳಬೇಕು, ಆದರೆ ಹೋಲಿಕೆ ಕೊಡಲು ಹೊರಟರೆ ನನ್ನ ಹಳೆಯ ಡಿಬೇಟ್ ಕೋಚ್ ನೆನಪಾಗುತ್ತಾರೆ. "ಉಪಮೆ ಪುರಾವೆ ಅಲ್ಲ" ಎನ್ನುವುದು ಅವರ ತತ್ತ್ವ. ಹಾಗಾಗಿ ಇಷ್ಟೇ ಹೇಳುತ್ತೇನೆ: ಸುಟ್ಟ ಹಿಟ್ಟಿನ ವಾಸನೆ. ಮೊನ್ನೆ ಭಾನುವಾರ ಬೆಳಿಗ್ಗೆ ಆ ವಾಸನೆಯಲ್ಲಿ ಪಾರ್ಸೆಲ್‌ಗಾಗಿ ಕಾಯುತ್ತ ನಿಂತಿದ್ದೆ. ರೊಟ್ಟಿ ನನಗಲ್ಲ. ಸತ್ತವರಿಗೆ.

ಗಾಬರಿಯಾಗಬೇಡಿ. ನಾನು ಅಂಥವಳಲ್ಲ. ನಿಟ್ಟೆಗೆ ಎಂಜಿನಿಯರಿಂಗ್ ಕಲಿಯಲು ಹೋಗಿ, ಅದನ್ನು ಬಿಟ್ಟು ಉಳಿದದ್ದನ್ನೆಲ್ಲ ಕಲಿತು ಬಂದವಳು. ಮುಖ್ಯವಾಗಿ ಚರ್ಚಾಸ್ಪರ್ಧೆ. ನಾಣ್ಯ ಚಿಮ್ಮಿ ಯಾವ ಪಕ್ಷ ಸಿಕ್ಕರೂ ಗೆಲ್ಲುವ ವಿದ್ಯೆ ಅದು. ಅದರಿಂದ ಒಂದಷ್ಟು ಕಪ್‌ಗಳು ಬಂದವು, ಒಂದಷ್ಟು ಸ್ನೇಹಿತರು ಹೋದರು. ಆಮೇಲೆ ಕಾನೂನು, ಲಿಂಗ, ವಿವಾಹ ಎಂದು ಸಂಶೋಧನೆಗೆ ಮಣಿಪಾಲದಲ್ಲಿ ತಳವೂರಿದೆ. ದೇವರು, ಭೂತ, ಜಾತಕ ಯಾವುದನ್ನೂ ನಂಬದವಳು ಅಂತ ಮನೆಯಲ್ಲಿ ನನಗೆ ಹೆಸರು. "ಇವಳಿಗೆ ಗಾಳಿ ಬೀಸುತ್ತದೆ ಅಂದರೂ ಸಾಕ್ಷಿ ಬೇಕು" ಅಂತ ಅಮ್ಮ ನೆಂಟರಿಗೆ ಪರಿಚಯ ಮಾಡಿಕೊಡುತ್ತಾಳೆ.

ಈ ಚಟಕ್ಕೆ ನೀರೆರೆದದ್ದು ದೊಡ್ಡಮ್ಮ, ಅಂದರೆ ಅಮ್ಮನ ಅಕ್ಕ. ಕಾಲೇಜಿನಲ್ಲಿ ಚರಿತ್ರೆ ಪಾಠ ಮಾಡಿ, ನಿವೃತ್ತಿಯಾದ ಮೇಲೂ ಕರಾವಳಿಯ ಮದುವೆ, ಆಸ್ತಿ, ಸುಧಾರಣೆ ಎಂದು ಬರೆಯುತ್ತಲೇ ಇದ್ದವಳು. ಬನ್ನಂಜೆಯಲ್ಲಿ ಅವಳ ಮನೆ. ಆ ಮನೆಯಲ್ಲಿ ಅವಳ ಜೊತೆ ನೀಲಾ ಟೀಚರ್. ಧಾರವಾಡದ ಕಡೆಯಿಂದ ಹೈಸ್ಕೂಲಿಗೆ ಗಣಿತದ ಟೀಚರಾಗಿ ಬಂದವರು, ಬಾಡಿಗೆ ಕೋಣೆ ಹುಡುಕುತ್ತ ದೊಡ್ಡಮ್ಮನ ಬಾಗಿಲು ತಟ್ಟಿದವರು, ಮತ್ತೆ ಹೋಗಲೇ ಇಲ್ಲ. ನಾನು ಹುಟ್ಟುವ ಮೊದಲಿನ ಮಾತು. ಊರಿನ ಬಾಯಲ್ಲಿ ಅವರು "ಸರೋಜಕ್ಕನೊಟ್ಟಿಗೆ ಇರುವ ಟೀಚರ್". ಒಟ್ಟಿಗೆ ಎಂಬ ಶಬ್ದವನ್ನು ಯಾರೂ ಬಿಡಿಸಿ ನೋಡುತ್ತಿರಲಿಲ್ಲ. ಹಾಗೆ ನೋಡದೇ ಇರುವುದರಲ್ಲಿ ನಮ್ಮ ಕರಾವಳಿಯವರಿಗೆ ಒಂದು ಪರಿಣತಿ ಉಂಟು.

ಅವರಿಬ್ಬರೂ ಮಾಡುವ ಭಾನುವಾರದ ಊಟಕ್ಕೆ ನಾನು ತಪ್ಪುತ್ತಿರಲಿಲ್ಲ. ಊಟಕ್ಕೊಂದು ವಾದವನ್ನೂ ಕಟ್ಟಿಕೊಂಡು ಹೋಗುತ್ತಿದ್ದೆ. ಒಮ್ಮೆ ಅನ್ನಕ್ಕೆ ಕೈಯಿಡುತ್ತಲೇ ಘೋಷಿಸಿದೆ: "ಅಳಿಯಸಂತಾನದಲ್ಲಿ ಹೆಣ್ಣಿಗೆ ಅಧಿಕಾರ ಇತ್ತು. ವಂಶ ತಾಯಿಯಿಂದ, ಆಸ್ತಿ ತಾಯಿಯಿಂದ. ಸುಧಾರಣೆಯ ಹೆಸರಲ್ಲಿ ಕಾನೂನು ಬಂದು ಅದನ್ನು ಕಿತ್ತುಕೊಂಡಿತು."

"ಯಾವ ಮನೆಯಲ್ಲಿ?" ಅಂದಳು ದೊಡ್ಡಮ್ಮ.

"ಎಂತ ಯಾವ ಮನೆ? ಒಟ್ಟಾರೆ."

"ಒಟ್ಟಾರೆ ಅಂತ ಒಂದು ಮನೆ ಇಲ್ಲ ಮಾರಾಯ್ತಿ. ಯಾವ ಮನೆಯಲ್ಲಿ, ಯಾವ ಹೆಣ್ಣಿಗೆ? ನಮ್ಮ ಮನೆಯಲ್ಲಿ ವಂಶ ಅಮ್ಮನದ್ದು, ಬೀಗದ ಕೈ ಅವಳ ಅಣ್ಣನ ಸೊಂಟದಲ್ಲಿ."

ನೀಲಾ ಟೀಚರ್ ನನ್ನ ತಟ್ಟೆಗೆ ಇನ್ನೊಂದು ರೊಟ್ಟಿ ಹಾಕಿದರು. "ಉಣ್ಣವಾ. ಸೋತಾವ್ರು ಜಾಸ್ತಿ ಉಣಬೇಕು."

ಅವರ ಕನ್ನಡ ಕೇಳುವುದೇ ನನಗೆ ಒಂದು ಸುಖ. ನಾವು ತುಳು ಮನೆಯವರು; ಕನ್ನಡವನ್ನು ಇಸ್ತ್ರಿ ಹಾಕಿ ಆಡುವವರು. "ನಿಮ್ಮ ಕನ್ನಡ ಕೇಳಿದ್ರ ಪರೀಕ್ಷಾ ಪೇಪರ್ ಓದಿದಂಗ ಆಕ್ಕೈತಿ" ಅಂತ ಅವರು ನಗುತ್ತಿದ್ದರು. ತುಳು ಮಾತ್ರ ಅವರಿಗೆ ಕೊನೆಯವರೆಗೂ ಹತ್ತಲಿಲ್ಲ. ಅದೊಂದು ಲೆಕ್ಕ ತನಗೆ ಬಿಡಿಸಲು ಬರಲಿಲ್ಲ ಅನ್ನುತ್ತಿದ್ದರು. ಮೀನೂ ಹಾಗೆಯೇ. ಕಾಪುವಿನ ದೋಣಿ ಮನೆಯ ಹೆಂಗಸಿನ ಜೊತೆ ಜೀವನ ಮಾಡಿಯೂ ಮೀನು ಮುಟ್ಟದವರು ಅವರೊಬ್ಬರೇ ಇರಬೇಕು.

ಒಂದೇ ಲಿಂಗದವರ ಮದುವೆಯನ್ನು ಮಾನ್ಯ ಮಾಡುವುದು ತನ್ನ ಕೆಲಸವಲ್ಲ, ಶಾಸನ ಮಾಡುವವರದ್ದು ಎಂದು ಸರ್ವೋಚ್ಚ ನ್ಯಾಯಾಲಯ ಹೇಳಿದ ವಾರ ನಾನು ಬನ್ನಂಜೆಗೆ ಉರಿಯುತ್ತ ಹೋದೆ. ತೀರ್ಪಿನ ಪುಟಗಳಿಗೆಲ್ಲ ಬಣ್ಣದ ಚೀಟಿ ಅಂಟಿಸಿಕೊಂಡಿದ್ದೆ. ಅಲ್ಲಿಯವರೆಗೆ ಅವರಿಬ್ಬರ ಬಗ್ಗೆ ಅವರ ಎದುರೇ ಮಾತಾಡಿದವಳಲ್ಲ, ಅವತ್ತು ಕೇಳಿಯೇ ಬಿಟ್ಟೆ: "ನಿಮಗೆ ಸಿಟ್ಟು ಬರುವುದಿಲ್ವಾ?"

ದೊಡ್ಡಮ್ಮ ಕನ್ನಡಕ ತೆಗೆದು ಸೆರಗಿನಿಂದ ಒರೆಸಿದಳು. "ಬರುತ್ತದೆ. ಆದರೆ ನೀನು ಹಳೆಯ ತೀರ್ಪುಗಳನ್ನೂ ಓದು. ಬ್ರಿಟಿಷರ ಕೋರ್ಟು ಅಳಿಯಸಂತಾನದವರ ಮದುವೆಯನ್ನು ಮದುವೆ ಅಂತಲೇ ಒಪ್ಪಿರಲಿಲ್ಲ. ಬೇಕೆಂದಾಗ ಬಿಡಬಹುದಾದದ್ದು ಎಂಥ ಮದುವೆ, ಅಂತ ಅವರ ವಾದ. ಅವರ ಪ್ರಕಾರ ನನ್ನ ಅಜ್ಜಿಯ ಅಜ್ಜಿಗೆ ಗಂಡನೇ ಇರಲಿಲ್ಲ. ಆದರೂ ನೋಡು, ನಾವು ಇಷ್ಟು ಜನ ಕೂತು ಊಟ ಮಾಡುತ್ತಿದ್ದೇವೆ."

"ಹಂಗಾರ ನಾ ನಿಮ್ಮ ಅಜ್ಜಿ ಸಾಲಿನ್ಯಾಗ ಬಂದ್ನೆಲ್ಲ" ಅಂದರು ನೀಲಾ ಟೀಚರ್, ಬಹಳ ಖುಷಿಯಿಂದ.

ಮುಂದಿನ ಬೇಸಗೆಯಲ್ಲಿ ನೀಲಾ ಟೀಚರ್ ಹೋದರು. ಕಾಯಿಲೆ ಬಹಳ ದಿನ ಕಾಡಲಿಲ್ಲ. ಧಾರವಾಡದ ಕಡೆಯವರಿಗೆ ಸುದ್ದಿ ಮುಟ್ಟಿಸಿದೆವು; ಯಾರೂ ಬರಲಿಲ್ಲ. ಮದುವೆಯಾಗದೆ ಊರು ಬಿಟ್ಟ ಹೆಣ್ಣನ್ನು ಅವರು ಎಂದೋ ಮರೆತಿದ್ದರು. ದೊಡ್ಡಮ್ಮ ಅಳಲಿಲ್ಲ ಅಂತ ಬರೆದರೆ ಸುಳ್ಳಾಗುತ್ತದೆ. ಅತ್ತಳು, ಆಮೇಲೆ ಪುಸ್ತಕದ ಕಪಾಟು ಒರೆಸಿದಳು.

ಇನ್ನು ನಮ್ಮ ಕಾಪುವಿನ ಮನೆಯ ಒಂದು ಪದ್ಧತಿ ಹೇಳದಿದ್ದರೆ ಮುಂದಿನದ್ದು ನಿಮಗೆ ತಿಳಿಯುವುದಿಲ್ಲ. ಆಟಿ ತಿಂಗಳಲ್ಲಿ, ಕಡಲು ಮುನಿದು ದೋಣಿಗಳೆಲ್ಲ ದಡದಲ್ಲಿ ಟಾರ್ಪಾಲು ಹೊದ್ದು ಮಲಗಿರುವಾಗ, ಒಂದು ದಿನ ಮನೆಯ ಸತ್ತವರಿಗೆ ಬಡಿಸುತ್ತೇವೆ. ಕುಲೆಗಳು ಅನ್ನುತ್ತಾರೆ ಅವರನ್ನು. ಒಳಕೋಣೆಯಲ್ಲಿ ಬಾಳೆ ಎಲೆಗಳ ಸಾಲು, ಅವರವರಿಗೆ ಇಷ್ಟವಾದ ಅಡುಗೆ. ಮಾವ ಹೆಸರು ಹಿಡಿದು ಒಬ್ಬೊಬ್ಬರನ್ನೇ ಕರೆಯುತ್ತಾರೆ. ಆಮೇಲೆ ಬಾಗಿಲು ಎಳೆದುಕೊಂಡು ನಾವೆಲ್ಲ ಹೊರಗೆ ಕಾಯುತ್ತೇವೆ, ಅವರು ಉಣ್ಣಲಿ ಅಂತ. ಕೋಣೆಯೇನೂ ಗಂಭೀರವಾದದ್ದಲ್ಲ. ಇನ್ವರ್ಟರ್, ಹಳೆಯ ಬಲೆಯ ಬೆಂಡು, ಮಾವನ ಮಗನ ಕ್ರಿಕೆಟ್ ಬ್ಯಾಟು, ಎಲ್ಲ ಅಲ್ಲೇ ಇರುತ್ತವೆ. ಆದರೆ ಯಾರಿಗೆ ಅಲ್ಲಿ ಎಲೆ ಉಂಟು, ಯಾರಿಗೆ ಇಲ್ಲ ಎನ್ನುವುದು ಬಹಳ ಕಟ್ಟುನಿಟ್ಟು. ಕಾನೂನು ಬದಲಾಗಿ ಆಸ್ತಿ ಎಂದೋ ಪಾಲಾಗಿದೆ. ಎಲೆಯ ಸಾಲು ಮಾತ್ರ ಹಾಗೇ ಉಳಿದಿದೆ: ಒಬ್ಬ ತಾಯಿಯ ಸಂತಾನಕ್ಕೆ ಮಾತ್ರ. ಅಂಗಳದ ತುದಿಯಲ್ಲಿ ಇನ್ನೊಂದು ಎಲೆ ಹಾಕುತ್ತೇವೆ, ದಿಕ್ಕಿಲ್ಲದವರಿಗೆ. ಕಡಲು ತಂದು ಹಾಕಿದ, ಹೆಸರು ಗೊತ್ತಿಲ್ಲದವರಿಗೆ.

ಆ ಆಟಿಯಲ್ಲಿ ದೊಡ್ಡಮ್ಮ ರಘು ಮಾವನಿಗೆ, ಅಂದರೆ ತನ್ನ ತಮ್ಮನಿಗೆ, ಫೋನಿನಲ್ಲಿ ಕೇಳಿದ್ದಳು: ನೀಲಾಳಿಗೆ ಎಲೆ ಹಾಕುತ್ತೀಯಾ? ಮಾವ "ನೋಡುವ" ಅಂದಿದ್ದರು. ನಮ್ಮ ಕಡೆ ನೋಡುವ ಅಂದರೆ ಇಲ್ಲ ಅಂತ. ಆ ದಿನ ಕಾಪುವಿಗೆ ಬರುವ ದಾರಿಯಲ್ಲಿ ಬಸ್ಸಿನಲ್ಲಿ ದೊಡ್ಡಮ್ಮ ನನಗೆ ಹೇಳಿದಳು, "ಅವಳು ಎಲ್ಲಿಯೂ ಸಲ್ಲದವಳು ಅಂತ ಆಗಬಾರದು. ಅಷ್ಟೇ ನನಗೆ ಬೇಕಾದ್ದು." ಅಷ್ಟು ಸಾಕಾಯಿತು. ನನ್ನೊಳಗಿನ ಚರ್ಚಾಸ್ಪರ್ಧಿ ಟೊಂಕ ಕಟ್ಟಿ ಎದ್ದು ನಿಂತಳು.

ಮುಂದಿನ ಮಾತು ನಡೆದದ್ದು ತುಳುವಿನಲ್ಲಿ. ಕನ್ನಡಕ್ಕೆ ತರುವಾಗ ಸ್ವಲ್ಪ ಸಭ್ಯವಾಗಿದೆ, ಕ್ಷಮಿಸಿ.

ಮಾವ ಜಗಲಿಯಲ್ಲಿ ಕೂತು ಎಲೆ ಒರೆಸುತ್ತಿದ್ದರು. ನಾನು ಸಂವಿಧಾನದಿಂದ ಶುರು ಮಾಡಿದೆ. ಸಮಾನತೆ, ಘನತೆ, ಸಂಗಾತಿಯ ಹಕ್ಕು. ಕಾಗದ ಇಲ್ಲದಿದ್ದರೂ ಅದು ದಾಂಪತ್ಯವೇ ಎಂದೆ. ದೊಡ್ಡಮ್ಮನ ಗಂಡನಾಗಿದ್ದರೆ ನೀವು ಹೀಗೆ ನೋಡುವ ಅನ್ನುತ್ತಿದ್ದಿರಾ ಎಂದೆ. ಕೊನೆಯದ್ದು ನನ್ನ ಬ್ರಹ್ಮಾಸ್ತ್ರ. ಮಾವ ಕೊನೆಯವರೆಗೂ ಕೇಳಿದರು.

"ಆಯಿತು. ದಾಂಪತ್ಯ ಅಂತಲೇ ಇಟ್ಟುಕೊಳ್ಳುವ. ನನ್ನ ಹೆಂಡತಿ, ನಿನ್ನ ಅತ್ತೆ, ಸತ್ತರೆ ಅವಳಿಗೆ ಎಲೆ ಎಲ್ಲಿ?"

ನಾನು ಬಾಯಿ ತೆರೆದೆ. "ಮಲ್ಪೆಯಲ್ಲಿ. ಅವರ ತಾಯಿ ಮನೆಯಲ್ಲಿ."

"ನನ್ನನ್ನು ಈಗಲೇ ಕೊಲ್ಲಬೇಡಿ, ಕೋಳಿ ಇನ್ನೂ ಬೆಂದಿಲ್ಲ" ಅಂತ ಅತ್ತೆ ಒಳಗಿನಿಂದ ಕೂಗಿದರು.

"ನನ್ನ ಅಪ್ಪನ ಎಲೆ?" ಅಂದರು ಮಾವ.

"ಎರ್ಮಾಳಿನಲ್ಲಿ... ಅವರ ತಾಯಿ ಮನೆಯಲ್ಲಿ."

"ಮತ್ತೆ? ಈ ಮನೆಯಲ್ಲಿ ಗಂಡನಿಗೂ ಎಲೆ ಇಲ್ಲ, ಹೆಂಡತಿಗೂ ಇಲ್ಲ. ನೀನು ಗೆದ್ದರೂ ಟೀಚರಿಗೆ ಎಲೆ ಸಿಗುವುದಿಲ್ಲ ಮಾರಾಯ್ತಿ."

ನಾನು ಅಳಿಯಸಂತಾನದ ಮೇಲೆಯೇ ಪ್ರಬಂಧ ಬರೆಯುತ್ತಿದ್ದವಳು ಎಂಬುದನ್ನು ದಯವಿಟ್ಟು ಯಾರಿಗೂ ಹೇಳಬೇಡಿ. ದೇಶದ ಕೋರ್ಟಿಗೆ ಸಿದ್ಧ ಮಾಡಿದ ವಾದವನ್ನು ನಮ್ಮ ಜಗಲಿಗೆ ತಂದು ಸುರಿದಿದ್ದೆ.

ಮಾವ ಅಲ್ಲಿಗೂ ಬಿಡಲಿಲ್ಲ. "ಮತ್ತೆ, ನಿನಗೆ ಕುಲೆಯಲ್ಲಿ ನಂಬಿಕೆ ಉಂಟಾ?"

"ಇಲ್ಲ."

"ಇಲ್ಲದ ಕುಲೆಗೆ ಎಲೆ ಎಂತಕ್ಕೆ?"

"ನನಗಲ್ಲ ಮಾವ, ನಿಮಗೆ ನಂಬಿಕೆ ಉಂಟಲ್ವಾ" ಅಂದೆ. ಅದು ಸಿದ್ಧ ಮಾಡಿದ್ದ ಮಾತಲ್ಲ. "ನಿಮ್ಮ ಲೆಕ್ಕದಲ್ಲಿ ಅವರು ಇವತ್ತು ಬಂದಿರುತ್ತಾರೆ. ಹಸಿದು ಬಾಗಿಲಲ್ಲಿ ನಿಂತಿರುತ್ತಾರೆ."

ಮಾವನ ಕೈ ಎಲೆಯ ಮೇಲೆ ನಿಂತಿತು. "ಹಾಗಾದರೆ ಹೊರಗಿನ ಎಲೆಯಲ್ಲಿ ಬಡಿಸುವ. ಅವರದ್ದೇ ಅಂತ ಹೇಳಿ ಬಡಿಸುವ" ಅಂದರು.

ನಾನು ಗೆದ್ದೆ ಅಂದುಕೊಂಡೆ. ತಿರುಗಿ ದೊಡ್ಡಮ್ಮನ ಮುಖ ನೋಡಿದೆ.

"ಬೇಡ ರಘು" ಅಂದಳು ಅವಳು. "ಅದು ಹೆಸರು ಗೊತ್ತಿಲ್ಲದವರ ಎಲೆ. ನಾನು ಅವಳೊಟ್ಟಿಗೆ ಸಂಸಾರ ಮಾಡಿದ್ದೇನೆ. ಅವಳ ಹೆಸರು ನನಗೆ ಗೊತ್ತುಂಟು. ನಿನಗೂ ಗೊತ್ತುಂಟು."

ಸಂಸಾರ ಎಂಬ ಶಬ್ದ ಆ ಜಗಲಿಯಲ್ಲಿ ಮೊದಲ ಸಲ ಕೇಳಿತು. ಒಳಗೆ ಅತ್ತೆ ಸೌಟು ಆಡಿಸುವುದನ್ನು ನಿಲ್ಲಿಸಿದರು.

"ನಾನು ಸತ್ತರೆ ನನಗೆ ಇಲ್ಲಿ ಎಲೆ ಉಂಟಾ?"

"ಎಂತ ಮಾತು ಅಕ್ಕ!"

"ಉಂಟಾ ಇಲ್ವಾ ಹೇಳು."

"ಉಂಟು. ಅಮ್ಮನ ಬದಿಯಲ್ಲಿ."

"ಆ ಜಾಗ ನನ್ನದಲ್ವಾ? ನನಗೆ ಈಗ ಬೇಡ. ನಾನು ಬರುವವರೆಗೆ ಅವಳು ಕೂತುಕೊಳ್ಳಲಿ."

ಮಾವ ಕಟ್ಟಿನಿಂದ ಹರಿಯದ ಒಂದು ಎಲೆ ಆರಿಸಿ ತೆಗೆದರು. "ಟೀಚರ್ ಮೀನು ಕೋಳಿ ತಿನ್ನುವುದಿಲ್ಲ ಅಲ್ವಾ? ಎಂತ ಬಡಿಸುವುದು?"

ದೊಡ್ಡಮ್ಮನ ಚೀಲದಲ್ಲಿ ಜೋಳದ ಹಿಟ್ಟು ಇತ್ತು. ಬನ್ನಂಜೆಯ ಡಬ್ಬಿಯಲ್ಲಿ ನೀಲಾ ಟೀಚರ್ ಬಿಟ್ಟುಹೋದದ್ದು. ದೊಡ್ಡಮ್ಮ ಅಷ್ಟು ವರ್ಷ ತಿಂದಳೇ ಹೊರತು ಒಂದು ದಿನವೂ ತಟ್ಟಿದವಳಲ್ಲ. ತಟ್ಟಿದಳು, ಅದು ಭೂಪಟವಾಯಿತು. ಅಮ್ಮ ಪ್ರಯತ್ನಿಸಿದಳು, ಭೂಪಟ ಎರಡು ದೇಶವಾಯಿತು. ಅತ್ತೆ ನಗು ತಡೆಯಲಾರದೆ ಗೋಡೆ ಹಿಡಿದುಕೊಂಡರು. ಕೊನೆಗೆ ಸುಟ್ಟು ದಪ್ಪವಾದ ಒಂದನ್ನು ಹಾಗೇ ಎಲೆಯ ಮೇಲಿಟ್ಟೆವು, ಬದಿಗೆ ಒಂದಿಷ್ಟು ಶೇಂಗಾ ಚಟ್ನಿ.

ಮಾವ ಕೈಮುಗಿದು ಕರೆಯಲು ತೊಡಗಿದರು. ಅಜ್ಜಿಯನ್ನು, ಅಜ್ಜಿಯ ಅಣ್ಣನನ್ನು, ಕಡಲಿನಲ್ಲಿ ಹೋದ ಚಿಕ್ಕ ಮಾವನನ್ನು, ಎಲ್ಲರನ್ನೂ ತುಳುವಿನಲ್ಲಿ. ಅಜ್ಜಿಯ ಬದಿಯ ಎಲೆಗೆ ಬಂದಾಗ ಸ್ವಲ್ಪ ಬಾಗಿದರು. ಪಂಚಾಯತು ಸಭೆಯಲ್ಲಿ ಮಾತಾಡುವಷ್ಟು ಸ್ಪಷ್ಟವಾದ ಕನ್ನಡದಲ್ಲಿ, "ನೀಲಾ ಟೀಚರ್, ದಯವಿಟ್ಟು ಬನ್ನಿ. ಊಟ ಮಾಡಿ" ಅಂದರು. ಬಾಗಿಲು ಎಳೆದುಕೊಂಡು ಹೊರಗೆ ಬಂದವರು ನನ್ನ ಮುಖ ನೋಡದೆ ಹೇಳಿದರು, "ಅವರಿಗೆ ತುಳು ಬರುವುದಿಲ್ಲವಲ್ಲ."

ಮರುವರ್ಷದ ಆಟಿಗೆ ನಾನು ಮಣಿಪಾಲದ ಖಾನಾವಳಿಯಿಂದಲೇ ರೊಟ್ಟಿ ಕಟ್ಟಿಸಿಕೊಂಡು ಹೋದೆ. ಈ ವರ್ಷದ ಮೊದಲಲ್ಲಿ ದೊಡ್ಡಮ್ಮನೂ ಹೋದಳು. ಆಟಿ ಹತ್ತಿರವಾದಂತೆ ನನಗೆ ಒಂದು ಚಿಂತೆ ಹತ್ತಿತು. ನಾನು ಬರುವವರೆಗೆ ಅಂದಿದ್ದಳು; ಈಗ ಬಂದಿದ್ದಾಳೆ. ಜಾಗ ಅವಳದ್ದು. ಹಾಗಾದರೆ ಟೀಚರ್ ಏಳಬೇಕಾ? ಈ ಸಲ ಸಂವಿಧಾನ ಬಿಟ್ಟೆ. ಹೆಣ್ಣು ಸಂತಾನವಿಲ್ಲದ ಮನೆಗಳು ಹೊರಗಿನ ಹೆಣ್ಣನ್ನು ಸ್ವೀಕರಿಸುತ್ತಿದ್ದದ್ದು, ಅವಳು ಆ ತಾಯಿಯ ಮಗಳೇ ಆಗಿಬಿಡುತ್ತಿದ್ದದ್ದು, ಎಲ್ಲ ಹುಡುಕಿ ಇಟ್ಟುಕೊಂಡೆ. ನಮ್ಮದೇ ಕಟ್ಟುಕಟ್ಟಳೆಯಿಂದ ನಮ್ಮ ಮಾವನನ್ನು ಕಟ್ಟುವ ಯೋಜನೆ. ಶನಿವಾರ ಅವರದ್ದೇ ಫೋನ್ ಬಂತು.

"ನಾಳೆ ಬರುವಾಗ ರೊಟ್ಟಿ ತರುತ್ತೀಯಲ್ವಾ? ಕಳೆದ ವರ್ಷ ತಂದದ್ದು ತೆಳ್ಳಗೆ ಚೆನ್ನಾಗಿತ್ತು."

"ಮಾವ, ಆ ಎಲೆಯ ವಿಷಯ..."

"ಎಂತ ವಿಷಯ? ದೊಡ್ಡ ಎಲೆ ಕೊಯ್ದು ಇಟ್ಟಿದ್ದೇನೆ. ಅಕ್ಕನಿಗೂ ರೊಟ್ಟಿ ಅಭ್ಯಾಸ ಆಗಿತ್ತಲ್ವಾ? ಇಬ್ಬರಿಗೆ ಸಾಕಾಗುವಷ್ಟು ತಾ."

ಯಾವ ಕಟ್ಟಿನ ಪ್ರಕಾರ ಮಾವ, ಅಂತ ನಾಲಗೆಯ ತುದಿಗೆ ಬಂದಿತ್ತು. ನುಂಗಿದೆ. ಸಿದ್ಧ ಮಾಡಿದ್ದ ವಾದವೊಂದನ್ನು ಹೀಗೆ ಬಾಯಿಂದಲೇ ಹಿಂದಕ್ಕೆ ಕಳಿಸಿದ್ದು ನನ್ನ ಬದುಕಿನಲ್ಲಿ ಇದೇ ಮೊದಲು. ನನ್ನ ಪ್ರಬಂಧದಲ್ಲಿ ಮಾತ್ರ ಒಂದು ವಾಕ್ಯ ಒದ್ದಾಡುತ್ತಿದೆ: ಅಳಿಯಸಂತಾನದಲ್ಲಿ ಸಂಗಾತಿಗೆ ಎಲೆ ಇಲ್ಲ. ಬರೆದಾಗಲೆಲ್ಲ ಯಾರೋ ಕನ್ನಡಕ ಒರೆಸುತ್ತ ಕೇಳುತ್ತಾರೆ, ಯಾವ ಮನೆಯಲ್ಲಿ?

ಖಾನಾವಳಿಯ ಹೆಂಗಸು ಬಿಸಿ ರೊಟ್ಟಿಯನ್ನು ಪೇಪರಿನಲ್ಲಿ ಸುತ್ತಿ ಕೊಟ್ಟರು. "ಎಷ್ಟು ಮಂದಿಗ್ರೀ?" ಅಂತ ಕೇಳಿದ್ದರು. ಇಬ್ಬರಿಗೆ ಅಂದಿದ್ದೆ. ಉಡುಪಿಯಲ್ಲಿ ಇಳಿದು ಕಾಪುವಿನ ಬಸ್ಸು ಹತ್ತಿದೆ. ಕಟಪಾಡಿ ದಾಟುವಾಗ ಕಡಲಿನ ಕಡೆಯಿಂದ ತಣ್ಣನೆಯ ಗಾಳಿ ನುಗ್ಗಿತು. ಕುಲೆಗಳಲ್ಲಿ ನನಗೆ ಈಗಲೂ ನಂಬಿಕೆ ಇಲ್ಲ. ಮಡಿಲಿನ ಪೊಟ್ಟಣ ಮುಟ್ಟಿ ನೋಡಿದೆ, ಇನ್ನೂ ಬಿಸಿ ಇತ್ತು. ಎದ್ದು ಕಿಟಕಿಯ ಗಾಜು ಎಳೆದು ಮುಚ್ಚಿದೆ.