ಹೊಸ್ತಿಲಲ್ಲಿ ಹೇಳಿದ ಮೂರು ಸಾಲು

ನಮ್ಮ ಕಡೆ ಹೊಸ ಸೊಸೆ ಗಂಡನ ಹೆಸರನ್ನು ಬರಿದೇ ಉಚ್ಚರಿಸುವಂತಿಲ್ಲ. ಪ್ರಾಸಬದ್ಧವಾದ ಎರಡು ಮೂರು ಸಾಲುಗಳ ಒಡಪಿನೊಳಗೆ ಅದನ್ನು ಕೂಡಿಸಿ ಹೇಳಿದರೆ ಮಾತ್ರ ಗಂಡನ ಮನೆಯ ಹೊಸ್ತಿಲು ದಾಟಲು ಅಪ್ಪಣೆ. ನಾನು ಸವಣೂರಿನ ಹೆಣ್ಣುಮಕ್ಕಳ ಶಾಲೆಯಲ್ಲಿ ಕನ್ನಡ ಕಲಿಸುತ್ತಿದ್ದುದರಿಂದ, ಒಡಪು ಕಟ್ಟಿಕೊಡುವುದು ನನ್ನ ಕರ್ತವ್ಯವೆಂದು ಎಪ್ಪತ್ತರ ದಶಕದಲ್ಲಿ ನಮ್ಮ ಬಳಗವೆಲ್ಲ ತೀರ್ಮಾನಿಸಿತ್ತು. ಮದುವೆಯ ಹಂಗಾಮಿನಲ್ಲಿ ವಾಲಗದವರನ್ನು ಗೊತ್ತುಮಾಡಿದಂತೆ ನನ್ನನ್ನೂ ಗೊತ್ತುಮಾಡುತ್ತಿದ್ದರು. ನಾನು ಕವಿತೆ ಬರೆಯುತ್ತೇನೆಂಬ ಮಾತಿಗೆ ಅವರಲ್ಲಿ ಬೇರೆ ಅರ್ಥವಿರಲಿಲ್ಲ.

ನನಗೆ ಬೇಕಾಗಿದ್ದುದು ಒಂದೇ: ಮರಾಠಿ ಕವಯಿತ್ರಿಯೊಬ್ಬರ ಸಂಕಲನ ನನ್ನ ಅನುವಾದದಲ್ಲಿ ಪುಸ್ತಕವಾಗಬೇಕು. ಮಿರಜದ ಕಡೆಯವಳಾದ ಅವ್ವನಿಂದ ಶಿಗ್ಗಾವಿಯ ತವರಿನಲ್ಲಿ ಮರಾಠಿ ಕಲಿತಿದ್ದೆ. ಕವಯಿತ್ರಿ ಒಪ್ಪಿಗೆ ಕೊಡುವಾಗ, ಯಾವ ಕವಿತೆಯನ್ನೂ ಕೈಬಿಡಕೂಡದೆಂದು ಷರತ್ತು ಹಾಕಿದ್ದರು. ಮೊದಲ ಕವಿತೆ ತೀರ ಚಿಕ್ಕದು. ತಿದ್ದಿ ತಿದ್ದಿ ಅದನ್ನು ಹೀಗೆ ನಿಲ್ಲಿಸಿದ್ದೆ:

ಕಿಟಕಿಯೊಳಗಿನ ಬಾನು ಕಿಟಕಿಯಷ್ಟೇ ಅಗಲ,
ಒಳಗೆ ಬಂದ ಬಿಸಿಲು ಹೊರಗೆ ಹೋಗಲಿಲ್ಲ,
ನಾನೂ ಹೋಗಲಿಲ್ಲ.

ಅದೇ ವಾರ ನಾದಿನಿಯನ್ನು ಹಿರೇಕೆರೂರಿಗೆ ಕೊಟ್ಟೆವು. ಮನೆ ತುಂಬಿಸಿಕೊಳ್ಳುವ ಹೊತ್ತಿಗೆ, ನಾನು ಕಲಿಸಿದ್ದ ಒಡಪನ್ನು ಅವಳು ಪೂರ್ತಿ ಮರೆತಳು. ವರನ ಅಕ್ಕಂದಿರು ಬಾಗಿಲಿಗೆ ಅಡ್ಡ ನಿಂತಿದ್ದರು.

“ಹೆಸರ ಹೇಳದ ಒಳಗ ಬಿಡೂದಿಲ್ಲ ನೋಡವಾ.”

“ಸಾಲಿ ಅಕ್ಕೋರ ನಾದಿನಿ ಅಂತ ತಂದೀವಿ. ಬಾಯಿ ತವರಾಗ ಬಿಟ್ಟು ಬಂದಾಳೇನ?”

“ನಿಂದರ್ಲಿ ಬಿಡ್ರೆ, ಕಾಲು ನೊಂದ್ರ ಒಡಪು ತಾನ ಬರ್ತೈತಿ!”

ಹುಡುಗಿಯ ಕಣ್ಣು ತುಂಬಿದವು. ಅವಳ ಬೆನ್ನಿಗೇ ನಿಂತಿದ್ದ ನನಗೆ ಆ ಗಳಿಗೆಯಲ್ಲಿ ಬೇರೇನೂ ಹೊಳೆಯದೆ, ಕವಿತೆಯ ಮೊದಲ ಎರಡು ಸಾಲುಗಳನ್ನು ಕಿವಿಯಲ್ಲಿ ಉಸುರಿದೆ. ಮೂರನೆಯದು ಆ ಹೊಸ್ತಿಲಿಗೆ ಸಲ್ಲದು, ಬದಲಾಯಿಸಿ ಹೇಳಿದೆ. ಅವಳು ಗಂಡನ ಹೆಸರು ಸೇರಿಸಿ, “ರಾಯರನ್ನ ಬಿಟ್ಟು ನಾನೂ ಹೋಗೂದಿಲ್ಲ” ಎಂದು ಮುಗಿಸಿದಳು. ಅತ್ತೆ ಸೊಸೆಯ ದೃಷ್ಟಿ ತೆಗೆದು ಒಳಗೆ ಕರೆದುಕೊಂಡರು.

ಇಡೀ ಸಂಕಲನದ ಅನುವಾದ ಮುಗಿಯುವಷ್ಟರಲ್ಲಿ ಎಂಬತ್ತರ ದಶಕ ಬಂದಿತ್ತು. ಆ ಒಡಪು ನನಗಿಂತ ಮೊದಲೇ ಊರೂರು ತಿರುಗಿತ್ತು. ಪುಸ್ತಕ ಮಾಡಲು ಒಪ್ಪಿದವರು ಹಾನಗಲ್ಲಿನ ಮುದ್ರಣಾಲಯದ ಯಜಮಾನರೊಬ್ಬರೇ. ಮೊದಲ ಪುಟ ಓದಿದವರೇ ಕನ್ನಡಕ ತೆಗೆದಿಟ್ಟರು.

“ಅಕ್ಕೋರ, ಇದು ಜನಪದ ಐತಿ. ನಮ್ಮ ಸೊಸಿ ಇದನ್ನ ಹೇಳೇ ಒಳಗ ಬಂದಾಳ. ನೀವು ಕಡೀ ಸಾಲು ಕೆಡಿಸೀರಿ.”

ನಾನು ಮರಾಠಿ ಮೂಲವನ್ನು ಮುಂದಿಟ್ಟೆ.

“ಹಂಗಾದ್ರ ಆಕಿನ ನಮ್ಮ ಕಡೆಯಿಂದ ತುಡುಗು ಮಾಡ್ಯಾಳ.”

ಒಳಗಿನಿಂದ ಅವರ ಹೆಂಡತಿ ಕೂಗಿದರು: “ಖರೇರಿ ಅಕ್ಕೋರ! ನಾ ಸಣ್ಣಾಕಿ ಇದ್ದಾಗ ನಮ್ಮಾಯಿ ಹೇಳ್ತಿದ್ಳು ಇದನ್ನ.”

ನಾನು ಹಿರೇಕೆರೂರಿನ ಪ್ರಸಂಗವನ್ನು ವಿವರಿಸಿದೆ. ಯಜಮಾನರು ಅನ್ಯಾಯದ ಮಾತೇನೂ ಆಡಲಿಲ್ಲ. “ನಿಮ್ಮ ನಾದಿನಿನ್ನ ಕರಕೊಂಡ ಬರ್ರಿ. ಆಕಿ ಹೌದಂದ್ರ ನಾಳೇನ ಅಚ್ಚಿಗೆ ಹಾಕ್ತೇನಿ. ಇಲ್ಲಾ ಅದೊಂದನ್ನ ಬಿಡ್ರಿ.”

ಬಿಟ್ಟರೆ ಷರತ್ತು ಮುರಿಯುತ್ತದೆ. ನಾದಿನಿಯ ಸಾಕ್ಷಿಯಿಲ್ಲದೆ ಇಟ್ಟರೆ ಕವಯಿತ್ರಿ ಜನರ ಕಣ್ಣಲ್ಲಿ ಕಳ್ಳಿಯಾಗುತ್ತಾರೆ. ಮರುದಿನವೇ ಹಿರೇಕೆರೂರಿಗೆ ಹೋದೆ.

ಬಂದ ಕಾರಣ ಕೇಳಿದ ನಾದಿನಿ ನನ್ನನ್ನು ಹಿತ್ತಲಿಗೆ ಕರೆದೊಯ್ದಳು. “ವೈನಿ, ನಮ್ಮತ್ತಿ ಹಾಸಿಗಿ ಹಿಡದಾರ. ಬಂದವರಿಗೆಲ್ಲಾ ಇವತ್ತಿಗೂ ಅದನ್ನ ಹೇಳ್ತಾರ. ನನ್ನ ಸೊಸಿ ತಾನ ಕಟ್ಟಿದ್ಳು, ಬಿಟ್ಟು ಹೋಗೂದಿಲ್ಲ ಅಂದ್ಳು ಅಂತಾರ. ಈಗ ಅದು ನಂದಲ್ಲ ಅಂತ ಹೆಂಗ ಹೇಳ್ಲಿ?” ಮತ್ತೆ ಅವಳೇ ಕೇಳಿದಳು: “ಮೂಲದಾಗ ಕಡೀಗೆ ಏನೈತಿ?”

ಹೇಳಿದೆ. ‘ನಾನೂ ಹೋಗಲಿಲ್ಲ’ ಎಂಬುದನ್ನು ಕೇಳಿ ಅವಳು ಸೆರಗಿನಿಂದ ಕೈ ಒರೆಸಿಕೊಳ್ಳುತ್ತಲೇ ನಿಂತಳು.

“ನನ್ನ ಪಾಲಿಗೆ ಅದ ಖರೇ ಐತಿ ನೋಡ್ರಿ ವೈನಿ. ಅದಕ್ಕ ಅದನ್ನ ಹೇಳಾಕ ಬರೂದಿಲ್ಲ.”

ಒಳಗಿನಿಂದ ಅತ್ತೆ ಕರೆದರು. ನನ್ನನ್ನು ಮಂಚದ ಪಕ್ಕ ಕೂರಿಸಿಕೊಂಡು, “ನಿಮ್ಮ ನಾದಿನಿ ಕಟ್ಟಿದ್ದು ಕೇಳೀರೇನ್ರಿ?” ಎಂದು ಕೇಳಿ, ಉತ್ತರಕ್ಕೆ ಕಾಯದೆ ಮೂರೂ ಸಾಲುಗಳನ್ನು ತಪ್ಪಿಲ್ಲದೆ ಹೇಳಿದರು. ನಾದಿನಿ ಬಾಗಿಲಲ್ಲಿ ನಿಂತು ನನ್ನ ಬಾಯನ್ನೇ ನೋಡುತ್ತಿದ್ದಳು.

“ಛಲೋ ಕಟ್ಟ್ಯಾಳ್ರಿ,” ಎಂದೆ.

ಆ ವಾರದ ಕೊನೆಗೆ ಹಾನಗಲ್ಲಿಗೆ ಒಬ್ಬಳೇ ಹೋಗಿ, ಹಸ್ತಪ್ರತಿಯನ್ನು ಮರಳಿ ಪಡೆದೆ.