ಬೀಳಬೇಕಾಗಿದ್ದ ಕೋಟೆ

ದೇವನಹಳ್ಳಿ ತಾಲ್ಲೂಕಿನ ಒಂದು ಸರ್ಕಾರಿ ಪದವಿಪೂರ್ವ ಕಾಲೇಜಿನಲ್ಲಿ ನಾನು ಇತಿಹಾಸ ಪಾಠ ಮಾಡುತ್ತೇನೆ. ಪಠ್ಯದಲ್ಲಿ ಎರಡು ಸಾಲಿಗೆ ಮುಗಿದುಹೋಗುವ ಯುದ್ಧವನ್ನು ಎರಡು ಪೀರಿಯಡ್ ಎಳೆಯುವುದು ನನ್ನ ಚಟ. ಸೇನಾಪತಿ ಎಲ್ಲಿ ನಿಂತಿದ್ದ, ಕುದುರೆ ದಳವನ್ನು ಯಾಕೆ ಎಡಕ್ಕೆ ಕಳಿಸಿದ, ಮೀಸಲು ಪಡೆಯನ್ನು ಯಾವ ಗಳಿಗೆಯಲ್ಲಿ ಬಿಟ್ಟ, ಇದನ್ನೆಲ್ಲ ಬೋರ್ಡಿನ ತುಂಬ ಬಾಣದ ಗುರುತು ಎಳೆದು ವಿವರಿಸುವಾಗ ನನಗೆ ಬೆಲ್ ಹೊಡೆದದ್ದೂ ಕೇಳುವುದಿಲ್ಲ. ಮನೆಯಲ್ಲಿ ಒಂದು ಬೀರು ತುಂಬ ಯುದ್ಧ, ದಂಡನಾಯಕರು, ಮುತ್ತಿಗೆಗಳ ಪುಸ್ತಕಗಳೇ ಇವೆ. ಅದರ ಧೂಳು ಒರೆಸುವಾಗಲೆಲ್ಲ ನನ್ನ ಹೆಂಡತಿ ಒಂದು ಮಾತು ಹೇಳುತ್ತಾಳೆ: "ಇಷ್ಟೆಲ್ಲ ಓದಿದೀರ. ಗ್ಯಾಸ್ ಸಿಲಿಂಡರ್ ತರೋನ ಹತ್ರ ಒಂದು ಮಾತು ಗಟ್ಟಿಯಾಗಿ ಆಡಕ್ಕಾಗಲ್ಲ ನಿಮ್ಗೆ."

ಅಂಥ ನನಗೆ ಒಂದು ವರ್ಷ ನಿಜವಾದ ಸೈನ್ಯವೇ ಸಿಕ್ಕಿತು. ಕಾಲೇಜಿನ ವಾರ್ಷಿಕೋತ್ಸವಕ್ಕೆ ಇನ್ನು ಮೂರು ವಾರವಿದೆ ಅನ್ನುವಾಗ ಪ್ರಿನ್ಸಿಪಾಲ್ ಮೇಡಂ ಕರೆಸಿ, "ಪ್ರತಿ ವರ್ಷ ಬರೀ ಡ್ಯಾನ್ಸ್ ಆಯ್ತು ಸಾರ್. ಈ ಸಲ ನೀವು ಮೈದಾನದಲ್ಲಿ ಏನಾದ್ರೂ ಚಾರಿತ್ರಿಕವಾದದ್ದು ಮಾಡಿಸಿ. ಕೋಟೆ ಮುತ್ತಿಗೆ ಹಾಕೋದು, ಆ ಥರ. ಹದಿನೈದೇ ನಿಮಿಷ" ಅಂದರು. ನಾನು ಕುರ್ಚಿಯಿಂದ ಅರ್ಧ ಎದ್ದುಬಿಟ್ಟಿದ್ದೆ. ಅವರು ತಡೆದು ಒಂದು ಷರತ್ತು ಹಾಕಿದರು. "ರಾಜನ ಹೆಸರು ಹೇಳ್ಬೇಡಿ. ಯಾವ ಕೋಟೆ, ಯಾವ ಕಡೆಯವರು ಅಂತನೂ ಹೇಳ್ಬೇಡಿ. ಆಮೇಲೆ ನಂಗೆ ಫೋನ್ ಮೇಲೆ ಫೋನ್ ಬರುತ್ತೆ."

ಸರಿ, ಒಂದು ಕೋಟೆ, ಒಂದು ಸೈನ್ಯ. ಸೈನ್ಯ ಮುತ್ತುತ್ತದೆ, ಫಿರಂಗಿ ಹಾರಿಸುತ್ತದೆ, ಏಣಿ ಹಾಕುತ್ತದೆ, ಕೋಟೆಯವರು ಬಿಳಿ ಬಟ್ಟೆ ಬೀಸುತ್ತಾರೆ. ಇಷ್ಟೇ ಕಥೆ.

ತರಗತಿಯಲ್ಲಿ "ಮುತ್ತಿಗೆ ಹಾಕೋರು ಯಾರ್ಯಾರು?" ಅಂತ ಕೇಳಿದೆ. ಹೆಚ್ಚುಕಡಿಮೆ ಎಲ್ಲ ಕೈಗಳೂ ಮೇಲಕ್ಕೆ. "ಕೋಟೆ ಒಳಗೆ ಇರೋರು?" ಎಲ್ಲ ಕೈಗಳೂ ಕೆಳಕ್ಕೆ. ಸೋಲುವ ಪಕ್ಷಕ್ಕೆ ಯಾರೂ ಬರಲು ತಯಾರಿರಲಿಲ್ಲ. ಕೊನೆಗೆ ಮೊದಲನೇ ಪ್ರಶ್ನೆಗೂ ಕೈ ಎತ್ತದೆ ಸುಮ್ಮನೆ ಕೂತಿದ್ದವರು, ಆ ದಿನ ರಜಾ ಹಾಕಿದ್ದವರು, ತಡವಾಗಿ ಬಂದು ಬಾಗಿಲಲ್ಲಿ ನಿಂತಿದ್ದವರು, ಎಲ್ಲ ಸೇರಿಸಿ ಹದಿಮೂರು ಜನರನ್ನು ಕೋಟೆಗೆ ತುಂಬಿದೆ. ಹೊರಗಿನ ಸೈನ್ಯ ಮೂವತ್ತೆರಡು.

ಸೈನ್ಯದ ದಂಡನಾಯಕ ತಾನಾಗಿಯೇ ಆಯ್ಕೆಯಾಗಿಬಿಟ್ಟ. ಎತ್ತರದ, ಗಟ್ಟಿ ಗಂಟಲಿನ ಹುಡುಗ. ಕಾಲೇಜಿನ ಗೇಟಿನಲ್ಲಿ ನಿಂತು "ಲೇ ಮಗಾ" ಅಂದರೆ ಬಸ್ ಸ್ಟಾಪಿನಲ್ಲಿ ನಾಲ್ಕು ಜನ ತಿರುಗಿ ನೋಡುತ್ತಿದ್ದರು. ಕೋಟೆ ಕಾಯುವ ಕಿಲ್ಲೇದಾರರನ್ನಾಗಿ ಯಾರನ್ನು ಮಾಡಲಿ ಅಂತ ಆ ಹದಿಮೂರು ಜನರನ್ನು ಕೇಳಿದೆ. ಎಲ್ಲರ ಕಣ್ಣೂ ಆವತಿ ಕಡೆಯಿಂದ ಬರುತ್ತಿದ್ದ ಒಬ್ಬ ಹುಡುಗಿಯ ಮೇಲೆ ನಿಂತವು. ಅವಳು ನೋಟ್ಸಿಗೆ ಬೈಂಡ್ ಹಾಕುತ್ತಿದ್ದಳು. "ಆಯ್ತು ಸಾರ್" ಅಂದಳು, ತಲೆ ಎತ್ತಲಿಲ್ಲ. ಅವಳ ದನಿ ಮೂರನೇ ಬೆಂಚು ದಾಟುತ್ತಿರಲಿಲ್ಲ. ಸೋಲುವ ಕಿಲ್ಲೇದಾರಳಿಗೆ ದನಿ ಯಾಕೆ ಬೇಕು ಅಂತ ನಾನೂ ಒಪ್ಪಿಕೊಂಡೆ.

ಮೂರು ವಾರ ತಾಲೀಮು. ಚಾರ್ಟ್ ಹಾಳೆಯ ಮೇಲೆ ನಕ್ಷೆ ಬರೆದೆ. ನಮ್ಮ ಕಾಲೇಜಿನ ಮೇಲೆ ಐದೈದು ನಿಮಿಷಕ್ಕೆ ಒಂದು ವಿಮಾನ ತಗ್ಗಿ ಹೋಗುವುದರಿಂದ ಬಾಯಲ್ಲಿ ಕೊಟ್ಟ ಆಜ್ಞೆ ಯಾರಿಗೂ ಕೇಳಿಸುತ್ತಿರಲಿಲ್ಲ. ಅದಕ್ಕೆ ಸೀಟಿಯ ಏರ್ಪಾಡು ಮಾಡಿದೆ. ಒಂದು ಸೀಟಿಗೆ ಫಿರಂಗಿ, ಎರಡಕ್ಕೆ ಏಣಿ, ಮೂರಕ್ಕೆ ಬಿಳಿ ಬಟ್ಟೆ. ಫಿರಂಗಿ ಅಂದರೆ ಪಿವಿಸಿ ಪೈಪು. ಹಿಂದಿನಿಂದ ಊದಿದರೆ ಮುಂದಿನಿಂದ ಟಾಲ್ಕಂ ಪೌಡರ್ ಹಾರಬೇಕು. ಕೋಟೆಯ ಗೋಡೆಗೆ ಸರ್ವೆ ಗಳ ನೆಟ್ಟು, ಹಳೇ ಫ್ಲೆಕ್ಸ್ ಬ್ಯಾನರುಗಳನ್ನು ತಿರುವಿ ಕಟ್ಟಿ, ಬಿಳಿ ಮಗ್ಗುಲ ಮೇಲೆ ಕಲ್ಲಿನ ಚಿತ್ರ ಬರೆಸಿದೆವು.

ಗಳ ನೆಡುವ ದಿನ ಕಿಲ್ಲೇದಾರಳು ಬಂದು ನಿಂತಳು. "ಸಾರ್, ಕೋಟೆನ ಆ ಹೊಂಗೆ ಮರದ ಸುತ್ತ ಕಟ್ಕೊಳ್ಳಲಾ?"

ಮೈದಾನದಲ್ಲಿದ್ದದ್ದು ಅದೊಂದೇ ಮರ. "ಎಲ್ಲಾದ್ರೂ ಕಟ್ಕೊಳ್ಳಮ್ಮ" ಅಂದೆ.

ಮುಖ್ಯ ಅತಿಥಿಯಾಗಿ ದೊಡ್ಡವರೊಬ್ಬರು ಬರಬೇಕಾಗಿತ್ತು; ಬರಲಾಗುವುದಿಲ್ಲವೆಂದು ಹೇಳಿ ಕಳಿಸಿದರು. ಕುಂದಾಣದ ಹತ್ತಿರ ದ್ರಾಕ್ಷಿ ತೋಟ ಮಾಡಿಕೊಂಡಿದ್ದ ನಿವೃತ್ತ ಸುಬೇದಾರರೊಬ್ಬರನ್ನು ಕರೆಯೋಣವೆಂದು ಮೇಡಂ ಹೇಳಿದಾಗ ನನಗೆ ಇನ್ನೂ ಖುಷಿಯಾಯಿತು. ಬೈಕ್ ಹತ್ತಿ ಅವರ ತೋಟಕ್ಕೇ ಹೋದೆ. ಅವರು ಚಪ್ಪರದ ಕೆಳಗೆ ಬಗ್ಗಿ ಎಲೆ ಸವರುತ್ತಿದ್ದರು. ರಣರಂಗದ ಅನುಭವ ನಾಲ್ಕು ಮಾತು ಹೇಳಬೇಕು, ಸೈನ್ಯವನ್ನು ಮುನ್ನಡೆಸುವುದು ಹೇಗೆ ಅಂತ ಮಕ್ಕಳಿಗೆ ತಿಳಿಸಬೇಕು ಅಂತ ಕೇಳಿಕೊಂಡೆ.

"ನಾನು ರೇಷನ್ ನೋಡ್ಕೊತಿದ್ದೆ ಮೇಷ್ಟ್ರೆ" ಅಂದರು. "ಹಿಟ್ಟು, ಬೇಳೆ, ಸೀಮೆಎಣ್ಣೆ. ಲಾರೀಲಿ ಮೇಲಕ್ಕೆ ಸಾಗಿಸೋದು. ಇಪ್ಪತ್ತೆಂಟು ವರ್ಷ ಅದೇ."

"ಅಂದ್ರೆ ಯುದ್ಧದಲ್ಲಿ..."

"ಯುದ್ಧದಲ್ಲೂ ಹಿಟ್ಟೇ."

ದಾರಿಯುದ್ದಕ್ಕೂ ನನಗೆ ಪೆಚ್ಚೆನಿಸಿತು. ಮುಖ್ಯ ಅತಿಥಿ ಅಂದರೆ ಒಂದಾದರೂ ಗುಂಡು ಹಾರಿಸಿರುವವರು ಆಗಿರಬೇಕಿತ್ತು.

ವಾರ್ಷಿಕೋತ್ಸವದ ದಿನ ಬೆಳಿಗ್ಗೆ ಹತ್ತಕ್ಕೇ ಸೈನ್ಯವನ್ನು ಮೈದಾನದ ಆ ತುದಿಯಲ್ಲಿ ಬಯಲಿಗೆ ನಿಲ್ಲಿಸಿದೆ. ಕಾರ್ಯಕ್ರಮ ಹತ್ತೂವರೆಗೆ ಶುರುವಾಗಿ ಹನ್ನೊಂದಕ್ಕೆ ಮುತ್ತಿಗೆ ಅಂತ ಲೆಕ್ಕ. ಆದರೆ ಶುರುವಾದದ್ದೇ ಹನ್ನೊಂದೂಕಾಲಿಗೆ. ಪ್ರಾರ್ಥನೆ, ಸ್ವಾಗತ, ದೀಪ. ದೀಪ ಗಾಳಿಗೆ ಮೂರು ಸಲ ಆರಿತು. ಆಮೇಲೆ ಮೇಡಂ ಕಾಲೇಜಿನ ವಾರ್ಷಿಕ ವರದಿ ಓದಲು ನಿಂತರು. ಅದು ಹನ್ನೆರಡು ಪುಟವಿತ್ತು.

ಸ್ವಾಗತ ಭಾಷಣದ ನಡುವೆಯೇ ಮೊದಲ ಅನಾಹುತ ಆಯಿತು. ಪಕ್ಕದ ಮೈದಾನದಲ್ಲಿ ಖೋ ಖೋ ಪಂದ್ಯ ನಡೆಯುತ್ತಿತ್ತು. ಆ ಕಡೆಯ ದೈಹಿಕ ಶಿಕ್ಷಕರು ಎರಡು ಸಲ ಸೀಟಿ ಊದಿದರು. ನಮ್ಮ ಸೈನ್ಯದ ಅರ್ಧ ಭಾಗ "ಜೈ" ಅಂತ ಕಿರುಚಿಕೊಂಡು ಏಣಿ ಹೊತ್ತು ನುಗ್ಗಿಬಿಟ್ಟಿತು. ನಾನು ಶಾಮಿಯಾನದಿಂದ ಎರಡೂ ಕೈ ಬೀಸಿ ತಡೆಯುವ ಹೊತ್ತಿಗೆ ಅವರು ಮೈದಾನದ ಮಧ್ಯಕ್ಕೆ ಬಂದಾಗಿತ್ತು. ದಂಡನಾಯಕ ಹಿಂದಿನಿಂದ ಅರಚಿದ. "ಲೇ, ವಾಪಸ್ ಬನ್ರೋ! ನಾನ್ ಹೇಳದೆ ಯಾವೋನ್ಲಾ ಓಡಿದ್ದು?" ಮೂರು ಸಲ ಎಲ್ಲರಿಗೂ ಬೈದು, "ಇನ್ಮೇಲೆ ಯಾರೂ ಅಲ್ಲಾಡಂಗಿಲ್ಲ" ಅಂತ ಮತ್ತೆ ಬಿಸಿಲಿಗೆ ಕೂರಿಸಿದ. ತಾನು ಸ್ಕೂಟರ್ ನಿಲ್ಲಿಸುವ ಶೀಟಿನ ಕೆಳಗೆ ಹೋಗಿ, ಕಪ್ಪು ಕನ್ನಡಕ ಹಾಕಿಕೊಂಡು, ತಂಪು ಪಾನೀಯದ ಬಾಟಲಿ ತೆಗೆದ.

ವರದಿಯ ನಾಲ್ಕನೇ ಪುಟಕ್ಕೆ ಸೈನ್ಯದ ರಟ್ಟಿನ ಶಿರಸ್ತ್ರಾಣಗಳು ಬೆವರಿಗೆ ಮೆತ್ತಗಾಗಿ ಕಿವಿಯ ಮೇಲೆ ಜೋತಿದ್ದವು. ಆ ಹೊತ್ತಿನಲ್ಲಿ ಗಾಳಿಗೆ ಕೋಟೆಯ ಒಂದು ಮೂಲೆಯ ಗೋಡೆ ಹಾರಿ ತಿರುಗಿಕೊಂಡಿತು. ಬಿಳಿ ಅಂಗಿ ತೊಟ್ಟ ಯಾರೋ ಮುಖಂಡರು ಕೈಮುಗಿದು ನಗುತ್ತ ಶತ್ರು ಸೈನ್ಯಕ್ಕೆ "ತಮಗೆಲ್ಲರಿಗೂ ಹಾರ್ದಿಕ ಸುಸ್ವಾಗತ" ಅನ್ನತೊಡಗಿದರು. ಆ ಸಂದಿಯಿಂದ ಸೈನ್ಯಕ್ಕೆ ಒಳಗಿನ ದೃಶ್ಯವೂ ಕಂಡಿತು. ಹೊಂಗೆಯ ನೆರಳಲ್ಲಿ ಚಾಪೆ ಹಾಸಿತ್ತು. ಒಂದು ಬಿಂದಿಗೆ ಮಜ್ಜಿಗೆ, ಎರಡು ಕ್ಯಾನ್ ನೀರು, ಒಂದು ಚೀಲ ಕಡ್ಲೆಪುರಿ, ಮುಚ್ಚಿಟ್ಟ ಒಂದು ದೊಡ್ಡ ಪಾತ್ರೆ. ಇಬ್ಬರು ಕೂತು ಚಕ್ಕೋತ ಸುಲಿದು ತೊಳೆ ಬಿಡಿಸಿ ಉಪ್ಪು ಖಾರ ಹಚ್ಚುತ್ತಿದ್ದರು. ಚಕ್ಕೋತದ ವಾಸನೆ ಶಾಮಿಯಾನಕ್ಕೂ ಬಂತು. ಮೇಡಂ ಆರನೇ ಪುಟದಲ್ಲಿ ಒಂದು ಕ್ಷಣ ತಡವರಿಸಿದರು.

ಮುಂದಿನದನ್ನು ನನಗೆ ಆಮೇಲೆ ಹುಡುಗರೇ ಹೇಳಿದರು. ಸೈನ್ಯದ ಒಬ್ಬ ತೆವಳಿಕೊಂಡು ಗೋಡೆಯ ಹತ್ತಿರ ಹೋಗಿ, "ಒಂಚೂರು ನೀರ್ ಕೊಡಮ್ಮ" ಅಂದನಂತೆ.

"ಕೊಡ್ತೀನಿ. ಒಳಗ್ ಬಂದು ಕುಡಿ" ಅಂದಳಂತೆ ಕಿಲ್ಲೇದಾರಳು. "ಕತ್ತಿ ಆಚೆ ಇಟ್ಬಿಟ್ಟು ಬಾ, ಅದರ ಬೆಳ್ಳಿ ಕಾಗದ ಮಜ್ಜಿಗೆಗೆ ಬೀಳುತ್ತೆ."

ಅವನು ಹೋದವನು ಬರಲಿಲ್ಲ. ಅವನನ್ನು ಹುಡುಕಿಕೊಂಡು ಇಬ್ಬರು ಹೋದರು. ಅವರನ್ನು ಕರೆತರಲು ನಾಲ್ಕು ಜನ ಹೋದರು. ವರದಿ ಹನ್ನೆರಡನೇ ಪುಟ ಮುಟ್ಟುವಾಗ ಬಯಲಲ್ಲಿ ಹನ್ನೊಂದು ಜನ ಉಳಿದಿದ್ದರು. ಕೋಟೆಯಲ್ಲಿ ಮೂವತ್ತನಾಲ್ಕು.

ಸೈನ್ಯ ಹೀಗೆ ಕೋಟೆ ಸೇರಿಕೊಂಡದ್ದು ನನ್ನ ಗಮನಕ್ಕೆ ಬಂದಿರಲಿಲ್ಲ. ನಾನು ವೇದಿಕೆಯ ಪಕ್ಕ ಫ್ಯಾನಿನ ಕೆಳಗೆ ವೀಕ್ಷಕ ವಿವರಣೆಯ ಹಾಳೆ ಸರಿಮಾಡಿಕೊಳ್ಳುತ್ತಿದ್ದೆ. ಮೈಕ್ ಕೈಗೆ ಬಂದದ್ದೇ ಗಂಭೀರವಾಗಿ ಓದಿದೆ: "ಅಗೋ! ಉಕ್ಕಿ ಬರುವ ಸಮುದ್ರದಂತೆ ಅಪಾರ ಸೇನೆ ಕೋಟೆಯತ್ತ ನುಗ್ಗುತ್ತಿದೆ!" ಒಂದು ಸೀಟಿ ಊದಿದೆ.

ಹನ್ನೊಂದು ಜನ ನಡೆದುಕೊಂಡು ಬಂದರು.

ಪ್ರೇಕ್ಷಕರಲ್ಲಿ ಯಾರೋ ಒಬ್ಬರು "ಮಿಕ್ಕೋರು ಬಸ್ಸಲ್ಲಿ ಬರ್ತಾರಾ?" ಅಂದರು. ಫಿರಂಗಿ ಊದುವ ಹುಡುಗ ಊದಿದ. ಎದುರುಗಾಳಿಗೆ ಪೌಡರೆಲ್ಲ ಅವನ ಮುಖಕ್ಕೇ ಬಂದು, ಅವನು ಮದುವೆ ಗಂಡಿನ ಹಾಗೆ ನಿಂತ. ಎರಡು ಸೀಟಿ. ಏಣಿಯನ್ನು ಗೋಡೆಗೆ ಒರಗಿಸಿದರು. ಒಳಗಿನಿಂದ ಹತ್ತಾರು ಕೈಗಳು ಬಂದು ಏಣಿಯನ್ನು ಮರ್ಯಾದೆಯಾಗಿ ಒಳಕ್ಕೆ ಎಳೆದುಕೊಂಡವು. ಮೂರು ಸೀಟಿ. ಬಿಳಿ ಬಟ್ಟೆ ಬರಲಿಲ್ಲ. ಇನ್ನೊಂದು ಸಲ ಮೂರು. ಕೋಟೆಯೊಳಗಿಂದ ಯಾರೋ ತೇಗಿದ್ದು ಮಾತ್ರ ಕೇಳಿಸಿತು.

ನಾನು ಮೈಕನ್ನು ಹಾಗೇ ಹಿಡಿದುಕೊಂಡು ಕೋಟೆಗೆ ಓಡಿದೆ. ಆಫ್ ಮಾಡಬೇಕೆಂದು ಹೊಳೆಯಲಿಲ್ಲ, ಆದ್ದರಿಂದ ನಮ್ಮ ಸಂಧಾನವನ್ನು ಇಡೀ ಊರು ಕೇಳಿತು.

"ಯಾಕಮ್ಮ ಸೋಲ್ತಿಲ್ಲ?"

"ಯಾರಿಗೆ ಸೋಲೋದು ಸಾರ್? ಅವರೆಲ್ಲ ಇಲ್ಲೇ ಇದಾರೆ."

"ಬಿಳಿ ಬಟ್ಟೆ ಎಲ್ಲಿ?"

"ಮೊಸರನ್ನದ ಪಾತ್ರೆಗೆ ಕಟ್ಟಿದೀವಿ ಸಾರ್. ನೊಣ ಕೂರುತ್ತೆ."

ಶಾಮಿಯಾನದಲ್ಲಿ ನಗು ಎದ್ದಿತು. ಮೇಡಂ ಹಣೆಗೆ ಕೈಯಿಟ್ಟುಕೊಂಡು ಕೂತಿದ್ದರು. ಆಗ ಸುಬೇದಾರರು ವೇದಿಕೆ ಇಳಿದು, ಬಿಸಿಲಲ್ಲಿ ಮೈದಾನ ದಾಟಿ, ನಿಧಾನವಾಗಿ ಕೋಟೆಗೆ ಬಂದರು. ಒಳಗೆ ಬಗ್ಗಿ ನೋಡಿ, ನೀರಿನ ಕ್ಯಾನ್ ಎತ್ತಿ ಅಲ್ಲಾಡಿಸಿ ಎಷ್ಟಿದೆ ಅಂತ ಅಂದಾಜು ಮಾಡಿದರು.

"ಎಷ್ಟು ಜನಕ್ಕೆ ಅಂತ ತಂದಿದ್ದೆ ಮಗ?"

"ನಲವತ್ತಾರು ಜನಕ್ಕೆ ಸಾರ್."

"ನೀವು ಹದಿಮೂರು ಅಲ್ವಾ?"

"ಅವರೂ ಬಿಸ್ಲಲ್ಲಿ ಇರ್ತಾರಲ್ಲ ಸಾರ್. ನಮ್ಮ ಕಾಲೇಜಲ್ಲಿ ಯಾವತ್ತೂ ಟೈಮಿಗೆ ಶುರುವಾಗಲ್ಲ."

"ನೀನು ಉಂಡ್ಯಾ?"

"ಇಲ್ಲ ಸಾರ್. ಇನ್ನೂ ಹನ್ನೆರಡು ಜನ ಬಾಕಿ."

ಹನ್ನೊಂದು ಜನ ಸೈನಿಕರು ಮತ್ತು ನಾನು. ಅವಳು ನನ್ನನ್ನೂ ಎಣಿಸಿಕೊಂಡಿದ್ದಳು ಅನ್ನುವುದು ಹೊಳೆಯಲು ನನಗೆ ಸ್ವಲ್ಪ ಹೊತ್ತು ಬೇಕಾಯಿತು. ಎರಡು ಗಂಟೆಗೂ ಹೆಚ್ಚು ಹೊತ್ತು ಮೂವತ್ತೆರಡು ಮಕ್ಕಳನ್ನು ಬಯಲಲ್ಲಿ ಕೂರಿಸಿ ನಾನು ಫ್ಯಾನಿನ ಕೆಳಗಿದ್ದೆ. ಅಷ್ಟು ಸೇನಾಪತಿಗಳ ಬಗ್ಗೆ ಓದಿದವನಿಗೆ ಒಂದು ಕೊಡ ನೀರು ಕಳಿಸಬೇಕು ಅಂತ ಅನ್ನಿಸಿರಲಿಲ್ಲ. ಮುಖ ಬಿಸಿಯಾಯಿತು, ಅದಕ್ಕೆ ಬಿಸಿಲು ಕಾರಣವಲ್ಲ.

ಸುಬೇದಾರರು ನನ್ನ ಕೈಯಿಂದ ಮೈಕ್ ತೆಗೆದುಕೊಂಡರು. "ನಾನು ರೇಷನ್ ಲಾರಿಯವನು ಅಂದಾಗ ಮೇಷ್ಟ್ರಿಗೆ ಸ್ವಲ್ಪ ಬೇಜಾರಾಗಿತ್ತು. ಮುಖದಲ್ಲೇ ಗೊತ್ತಾಯ್ತು" ಅಂದರು. ಮತ್ತೆ ನಗು. "ಮೇಲೆ ಹಿಮದಲ್ಲಿ ಒಂದ್ಸಲ ದಾರಿ ಮುಚ್ಚಿ ನಮ್ ಲಾರಿ ಮೂರು ದಿನ ತಡ ಆಯ್ತು. ನಾವು ಹೋಗೋ ಹೊತ್ತಿಗೆ ಅಲ್ಲಿನ ಸಾಹೇಬ್ರು ತಮ್ಮ ಪಾಲಿನ ಬಿಸ್ಕತ್ತನ್ನ ಕಾವಲಿಗೆ ನಿಂತ ಹುಡುಗರಿಗೆ ಕೊಟ್ಟು, ತಾವು ಬರೀ ಟೀ ಕುಡ್ಕೊಂಡು ಇದ್ರು. ಆ ಸಾಹೇಬ್ರು ಜೋರಾಗಿ ಮಾತಾಡಿದ್ದನ್ನ ನಾನು ಕಾಣೆ. ಆದ್ರೆ ಅವರು ಎದ್ದು ನಿಂತ್ರೆ ಎಲ್ಲಾರೂ ಎದ್ದು ನಿಲ್ಲೋರು. ನಂಗೆ ಗೊತ್ತಿರೋದು ಇಷ್ಟೇ. ಇನ್ನು ಊಟಕ್ಕೆ ಬಿಡಿ."

ಅವರ ಭಾಷಣ ಅಷ್ಟೇ. ವಾರ್ಷಿಕೋತ್ಸವಗಳ ಇತಿಹಾಸದಲ್ಲೇ ಅಷ್ಟು ಚಿಕ್ಕ ಭಾಷಣಕ್ಕೆ ಅಷ್ಟು ದೊಡ್ಡ ಚಪ್ಪಾಳೆ ಬಿದ್ದದ್ದನ್ನು ನಾನು ನೋಡಿಲ್ಲ.

ಉಳಿದ ಹನ್ನೊಂದರಲ್ಲಿ ಹತ್ತು ಜನ ಓಡಿ ಒಳಕ್ಕೆ ಬಂದರು. ದಂಡನಾಯಕ ಒಬ್ಬನೇ ಬಯಲಲ್ಲಿ ನಿಂತಿದ್ದ. ಕಪ್ಪು ಕನ್ನಡಕ ತೆಗೆದಿದ್ದ. ತೆಗೆದ ಮೇಲೆ ಅವನು ಹದಿನೇಳರ ಹುಡುಗ ಅನ್ನುವುದು ಕಂಡಿತು. ಕಿಲ್ಲೇದಾರಳು ಗೋಡೆಯ ಸಂದಿಯಿಂದ ಹೊರಬಂದು ಚಕ್ಕೋತದ ಎರಡು ತೊಳೆ ಚಾಚಿದಳು.

"ನಾನೇನ್ ಶರಣಾಗ್ತಿಲ್ಲ" ಅಂದ ಅವನು. "ತಿನ್ನಕ್ಕೆ ಬರ್ತಿದೀನಿ ಅಷ್ಟೆ."

"ನಾನೇನ್ ಕೇಳಿದ್ನಾ? ಬೇಗ ಬಾ, ಖಾರ ಮುಗೀತಿದೆ."

ನಾನೂ ಒಳಗೆ ಹೋಗಿ ಚಾಪೆಯ ಮೇಲೆ ಕೂತು ಮೊಸರನ್ನ ತಿಂದೆ. ಎಲ್ಲರಿಗೂ ಬಡಿಸಿಯಾದ ಮೇಲೆ ಅವಳು ಪಾತ್ರೆಯ ತಳ ಕೆರೆದುಕೊಂಡು ಮರಕ್ಕೆ ಒರಗಿ ಕೂತಳು.

ಸೋಮವಾರ ಸ್ಟಾಫ್ ರೂಮಿನಲ್ಲಿ ನನಗೆ ಚರಿತ್ರೆ ತಿದ್ದಿದವನು ಅಂತ ಹೆಸರು ಬಿತ್ತು. ಕನ್ನಡ ಮೇಷ್ಟ್ರು ಒಂದು ತಿಂಗಳು ನನ್ನನ್ನು ಕಂಡಾಗಲೆಲ್ಲ ಮೂರು ಸಲ ಶಿಳ್ಳೆ ಹಾಕಿದರು. ಯಾವ ರಾಜನ ಹೆಸರೂ ಹೇಳದಿದ್ದರೂ ಮೇಡಮ್ಮಿಗೆ ಫೋನ್ ಬಂದೇ ಬಂತು. ಹೊಸಕೋಟೆಯ ಕಡೆಯ ಯಾರೋ ಒಬ್ಬರು, ಗೆದ್ದದ್ದು ಯಾವ ರಾಜ ಅಂತ ತಮಗೆ ಗೊತ್ತಾಗಲೇಬೇಕು, ಆಮೇಲೆ ಖಂಡಿಸಬೇಕೋ ಅಭಿನಂದಿಸಬೇಕೋ ತೀರ್ಮಾನಿಸುತ್ತೇವೆ ಅಂದರಂತೆ.

ಎರಡು ಮೂರು ವರ್ಷ ಕಳೆದ ಮೇಲೆ ಒಂದು ಬೆಳಿಗ್ಗೆ ದೇವನಹಳ್ಳಿ ಬಸ್ ಸ್ಟ್ಯಾಂಡಿನಲ್ಲಿ ಅವಳು ಸಿಕ್ಕಳು. ಕುತ್ತಿಗೆಯಲ್ಲಿ ಐಡಿ ಕಾರ್ಡು. ವಿಮಾನ ನಿಲ್ದಾಣದ ಹತ್ತಿರದ ಒಂದು ಗೋದಾಮಿನಲ್ಲಿ ಹೂವಿನ ಪೆಟ್ಟಿಗೆ ಪ್ಯಾಕ್ ಮಾಡಿಸುವ ಕೆಲಸ, ತನ್ನ ಕೈಕೆಳಗೆ ಇಪ್ಪತ್ತು ಜನ ಅಂದಳು. ನಾನು ಉತ್ಸಾಹದಿಂದ ಆ ಮುತ್ತಿಗೆಯ ಮಾತೆತ್ತಿದೆ. ಅಂದು ಅವಳಿಗೆ ಅದೆಲ್ಲ ಹೇಗೆ ಹೊಳೆಯಿತು ಅಂತ ಕೇಳಬೇಕೆಂಬ ಆಸೆ ನನಗೆ ಅಷ್ಟು ದಿನದಿಂದ ಇತ್ತು.

"ಅದಾ ಸಾರ್? ಅಷ್ಟು ಜ್ಞಾಪಕ ಇಲ್ಲ" ಅಂದಳು. "ಆದ್ರೆ ಆ ವರ್ಷ ಟೆಸ್ಟಲ್ಲಿ ನೀವು ನಂಗೆ ಹತ್ತಕ್ಕೆ ಆರು ಕೊಟ್ಟಿದ್ರಿ ಸಾರ್. ಎಂಟು ಬರ್ಬೇಕಿತ್ತು."

"ಯಾವ ಪ್ರಶ್ನೆ?"

ಕೆರೆ ಕಟ್ಟೆಗಳ ನಿರ್ವಹಣೆಯ ಪ್ರಶ್ನೆ. ನಿಂತಲ್ಲೇ ಉತ್ತರವನ್ನು ಮೊದಲಿಂದ ಕೊನೆಯವರೆಗೆ ಒಪ್ಪಿಸಿದಳು. ನಾನು ಕೈಚೀಲ ಕೆಳಗಿಟ್ಟು ಪೂರ್ತಿ ಕೇಳಿದೆ.

"ಏಳು ಕೊಡಬಹುದು" ಅಂದೆ.

ಅವಳು ಒಂದು ಕ್ಷಣ ಯೋಚಿಸಿ, "ಸರಿ ಬಿಡಿ ಸಾರ್" ಅಂತ ಒಪ್ಪಿ, ಕಂಪನಿ ಬಸ್ಸು ಬಂದದ್ದೇ ಓಡಿಹೋಗಿ ಹತ್ತಿಕೊಂಡಳು.