ಕಲ್ಲಿಗೆ ತೋಡಿದ ಮುಪ್ಪು

ಹ್ಯಾಲ್‌ಸ್ಟೆಡ್ ವಿಶ್ವವಿದ್ಯಾಲಯ ನೋಡಲು ಬಂದವರೆಲ್ಲ ಗ್ರಂಥಾಲಯದ ಮುಂದಿನ ಮೆಟ್ಟಿಲ ಮೇಲೆ ನಿಂತು ಫೋಟೋ ತೆಗೆಸಿಕೊಳ್ಳುತ್ತಾರೆ. ಪ್ರತಿ ಮೆಟ್ಟಿಲೂ ನಡುವೆ ತಗ್ಗಾಗಿ, ಬಳಸಿ ಬಳಸಿ ಸವೆದ ಒರಳಿನ ಹಾಗೆ ನುಣ್ಣಗಿದೆ. ಎಷ್ಟು ತಲೆಮಾರಿನ ವಿದ್ಯಾರ್ಥಿಗಳು ಹತ್ತಿಳಿದಿದ್ದಾರೋ ಎಂದು ಬಂದವರು ಬೆರಗಾಗುತ್ತಾರೆ. ನನಗೆ ಮೈ ಉರಿಯುತ್ತದೆ. ಆ ಮೆಟ್ಟಿಲಿಗೆ ಈಗಿನ್ನೂ ನಾಲ್ಕು ವರ್ಷ. ಅದನ್ನು ಸವೆಸಿದ್ದು ಯಾರ ಪಾದವೂ ಅಲ್ಲ, ಗೆನ್ನಾರೊನ ಉಳಿ.

ಗೆನ್ನಾರೊ ಅಸ್ಸುಂತಾಳ ಗಂಡ. ಇಬ್ಬರೂ ನಮ್ಮ ಕೆಳಗಿನ ಮನೆಯವರು. ನನ್ನ ಇಡಾಳಿಗೆ ಚರ್ಚಿನಲ್ಲಿ ಹೆಸರಿಟ್ಟ ದಿನ ಮಗುವನ್ನು ಎತ್ತಿ ಹಿಡಿದವಳು ಅಸ್ಸುಂತಾ. ಅಂದಿನಿಂದ ಅವಳು ಮಗುವಿಗೆ ಧರ್ಮತಾಯಿ, ನನಗೆ ಕೊಮಾರೆ, ಹೆಸರು ಹಿಡಿದು ಕರೆಯುವ ಹಾಗಿಲ್ಲ. ಇಲ್ಲಿ ಬರೆಯುವಾಗ ಮಾತ್ರ ಅಸ್ಸುಂತಾ ಎನ್ನುತ್ತೇನೆ.

ಸರೋವರದ ದಂಡೆಯ ಈ ಊರಿನಲ್ಲಿ ಮೊದಲು ಇದ್ದದ್ದು ಹ್ಯಾಲ್‌ಸ್ಟೆಡ್ ಮುದುಕನ ಒಲೆ ಕಾರ್ಖಾನೆ ಒಂದೇ. ಕಬ್ಬಿಣದ ಒಲೆ ಮಾರಿ ಮಾರಿ ಹಣ ಕೊಳೆಯತೊಡಗಿದ ಮೇಲೆ ಅವನಿಗೆ ವಿದ್ಯೆಯ ನೆನಪಾಯಿತು. ಅಪ್ಪನ ದನ ಮೇಯುತ್ತಿದ್ದ ಹುಲ್ಲುಗಾವಲಿನಲ್ಲಿ ವಿಶ್ವವಿದ್ಯಾಲಯ ಎಬ್ಬಿಸಿದ. ಮೊದಲ ಕಟ್ಟಡಗಳು ಕೆಂಪಿಟ್ಟಿಗೆಯವು, ಕಾರ್ಖಾನೆಯ ಒಡಹುಟ್ಟಿದವುಗಳಂತೆ ಕಾಣುತ್ತಿದ್ದವಂತೆ. ಆಮೇಲೆ ಇಂಗ್ಲೆಂಡ್ ನೋಡಿಬಂದ. ಬಂದವನಿಗೆ ತನ್ನದು ತೀರಾ ಹೊಸದಾಯಿತೆಂದು ನಾಚಿಕೆ. ಇಟ್ಟಿಗೆಗೆಲ್ಲ ಕಲ್ಲು ಹೊದಿಸಿದ, ಚೂಪು ಕಮಾನು, ಗೋಪುರ ಏರಿಸಿದ. ಗ್ರಂಥಾಲಯ ಮುಗಿಯುವ ಮೊದಲೇ ಸತ್ತ. ಆದರೆ ಅಪ್ಪಣೆ ಉಳಿಯಿತು: ನೋಡಿದವರಿಗೆ ಐನೂರು ವರ್ಷದ್ದು ಅನ್ನಿಸಬೇಕು.

ಹಾಗಾಗಿ ಗೆನ್ನಾರೊ ಮೊದಲು ಮಟ್ಟಗೋಲಿಟ್ಟು ಮೆಟ್ಟಿಲನ್ನು ಸಮ ಮಾಡಿದ. ಆಮೇಲೆ ಅದೇ ಮೆಟ್ಟಿಲನ್ನು ತೋಡಿದ. ಬೇಸಿಗೆಯಲ್ಲಿ ಅಸ್ಸುಂತಾ ರೊಟ್ಟಿಯ ನಡುವೆ ಮೊಟ್ಟೆ, ದಪ್ಪ ಮೆಣಸಿನಕಾಯಿ ಹುರಿದಿಟ್ಟು ಊಟಕ್ಕೆ ಒಯ್ದರೆ ಅವನು ಕಲ್ಲಿನ ಮೇಲೆ ಮಂಡಿಯೂರಿ ಉಜ್ಜುತ್ತಿದ್ದನಂತೆ.

"ನಿನ್ನೆ ಕೂರಿಸಿದ್ದಲ್ವೇನೋ ಇದು?" ಅಂದಳಂತೆ ಅವಳು.

"ಹೌದು. ಇವತ್ತು ಮುಪ್ಪು ಬರಿಸ್ತಿದೀನಿ."

"ನನಗೆ ಪುಕ್ಕಟೆ ಬಂತು ನೋಡು. ನನ್ನನ್ನೇ ತಂದು ಮಲಗಿಸಿದ್ರೆ ಆಗ್ತಿತ್ತು."

ಆಗ ನಕ್ಕರು. ಕಟ್ಟಡ ಮುಗಿಯುವ ಹೊತ್ತಿಗೆ ಊರಿನಲ್ಲಿ ಕೆಲಸವೇ ಇಲ್ಲದಾಯಿತು. ಕಾರ್ಖಾನೆ ಅರ್ಧ ಮುಚ್ಚಿತು, ಗೆನ್ನಾರೊನ ಉಳಿ ಮೂಲೆ ಸೇರಿತು. ಅಸ್ಸುಂತಾಳಿಗೆ ಅದೇ ಗ್ರಂಥಾಲಯದಲ್ಲಿ ನೆಲ ಒರೆಸುವ ಕೆಲಸ ಸಿಕ್ಕಿತು. ಆ ಮನೆಯ ಒಲೆ ಉರಿಯುವುದು ಅದೊಂದರಿಂದಲೇ.

ಚಳಿಗಾಲದಲ್ಲಿ ನೋಡಬೇಕು ಆ ಮೆಟ್ಟಿಲನ್ನು. ತಗ್ಗಿನಲ್ಲಿ ನೀರು ನಿಂತು ಬೆಳಗಾಗುವಷ್ಟರಲ್ಲಿ ಹೆಪ್ಪುಗಟ್ಟಿ ಗಾಜಾಗಿರುತ್ತದೆ. ನಮ್ಮ ಬೀದಿಯ ಹೆಂಗಸರು ಎದ್ದ ಕೂಡಲೇ ಒಲೆಯ ಬೂದಿ ಬಳಿದು ಬಾಗಿಲ ಮುಂದೆ ಎರಚುತ್ತಾರೆ, ಕಾಲು ಜಾರದಿರಲೆಂದು. ಅಸ್ಸುಂತಾ ಅಲ್ಲಿಯೂ ಹಾಗೇ ಎರಚಿದಳು. ಕಟ್ಟಡಗಳ ಉಸ್ತುವಾರಿಯ ವಿಟ್‌ಕೋಂಬ್ ಸಾಹೇಬ ತಡೆದ. ಬೂದಿಯಿಂದ ಕಲ್ಲಿಗೆ ಕಲೆಯಾಗುತ್ತದೆ, ಫೋಟೋದಲ್ಲಿ ಚೆನ್ನಾಗಿ ಬರುವುದಿಲ್ಲ, ಇನ್ನು ಮುಂದೆ ಒಂದು ಹಿಡಿಯೂ ಬೀಳಕೂಡದು ಎಂದ.

ಈ ಜನವರಿಯಲ್ಲಿ ಅವಳು ಅದೇ ಮೆಟ್ಟಿಲ ಮೇಲೆ ಬಕೆಟ್ ಸಮೇತ ಬಿದ್ದಳು. ಕಣಕಾಲ ಮೂಳೆ ಮುರಿಯಿತು.

ಮಗುವನ್ನು ಸೊಂಟಕ್ಕೇರಿಸಿಕೊಂಡು ನಾನೇ ಸಾಹೇಬನ ಕಚೇರಿಗೆ ಹೋದೆ. ಅವಳ ಕೆಲಸ ಉಳಿಸಿಡಿ ಎಂದು ಕೇಳಿದೆ.

"ಹಳೇ ಕಟ್ಟಡ ನೋಡಮ್ಮ," ಎಂದ ಆ ಮನುಷ್ಯ. "ಮೆಟ್ಟಿಲು ಸವೆದಿರುತ್ತೆ. ನೋಡ್ಕೊಂಡು ಹತ್ಬೇಕು."

"ನಾಲ್ಕು ವರ್ಷದ್ದು ಸಾಹೇಬ್ರೇ."

"ನನ್ನ ಮಾತಿನ ಅರ್ಥ ನಿಂಗೆ ಗೊತ್ತು."

ಗೊತ್ತಿರಲಿಲ್ಲ. ಈಗಲೂ ಗೊತ್ತಿಲ್ಲ. ತಾವೇ ಕೂಲಿ ಕೊಟ್ಟು ತೋಡಿಸಿದ ಹಳ್ಳವನ್ನು ಕಾಲದ ತಲೆಗೆ ಕಟ್ಟುವವರಿಗೆ ಏನು ಹೇಳುವುದು? ಆದರೂ ಜಗಳವಾಡಲು ಹೋದವಳಲ್ಲ ನಾನು. ಅವಳ ಕಾಲು ಕೂಡುವ ತನಕ ಅವಳ ಬದಲು ನಾನು ಒರೆಸುತ್ತೇನೆಂದೆ. ಬೂದಿ ಹಾಕಕೂಡದೆಂಬ ಷರತ್ತಿನ ಮೇಲೆ ಒಪ್ಪಿದ.

ಅವರ ಮನೆಯಲ್ಲಿ ಗೆನ್ನಾರೊ ಉಳಿ ಮಸೆಯುತ್ತ ಕೂತಿದ್ದ. "ಹೋಗಿ ಎಲ್ಲಾ ಸಮ ಮಾಡಿ ಬರ್ತೀನಿ."

"ಮಾಡು," ಎಂದಳು ಅಸ್ಸುಂತಾ ಹಾಸಿಗೆಯಿಂದ. "ಜೈಲಲ್ಲಿ ನಿಂಗೆ ಊಟ ಹಾಕ್ತಾರೆ. ನಂಗೆ ಬೆಡ್‌ಪ್ಯಾನ್ ಇಡೋರು ಯಾರು?" ನನ್ನ ಕಡೆ ತಿರುಗಿದಳು. "ಎಲ್ವೀರಾ, ಮಗೂನ ಇಲ್ಲಿ ಕೊಡು. ಕಾಲು ಮುರಿದಿದೆ, ತೊಡೆ ಇನ್ನೂ ಇದೆ."

ಹೀಗೆ ಇಡಾ ಅವಳ ಮಗ್ಗುಲಲ್ಲಿ ಮಲಗಿದಳು, ನಾನು ಗ್ರಂಥಾಲಯದ ನೆಲಕ್ಕೆ ಬಗ್ಗಿದೆ. ಮಲಗಿದವಳು ಸುಮ್ಮನಿರಲಿಲ್ಲ. ಸಾರು ಹಿಡಿದು ನೋಡಲು ಬಂದ ಹೆಂಗಸರನ್ನೆಲ್ಲ ಒಂದೇ ಮಾತು ಕೇಳಿದಳು: "ಸಾರು ಸಾಕಮ್ಮ. ನಿನ್ನ ಒಲೆ ಬೂದಿ ಎಲ್ಲಿ ಚೆಲ್ತೀಯ?"

ಮುಂದಿನ ಸೋಮವಾರ ಬೆಳಿಗ್ಗೆ ನಾವು ಒರೆಸುವ ಹೆಂಗಸರು ಮೆಟ್ಟಿಲ ಕೆಳಗೆ ಸೇರಿದಾಗ ಒಬ್ಬೊಬ್ಬರೂ ಊಟದ ಡಬ್ಬಿ ತೆರೆದರು. ಒಳಗೆ ಬೂದಿ. ನನ್ನದರಲ್ಲೂ. ಬೆಳಕು ಹರಿಯುವಷ್ಟರಲ್ಲಿ ಆ ಐನೂರು ವರ್ಷದ ಮೆಟ್ಟಿಲು ನಮ್ಮ ಹಿತ್ತಲ ಹಾಗೆ ಬೂದು ಬಣ್ಣವಾಗಿತ್ತು.

"ಯಾರ ಕೆಲಸ ಇದು?" ಎಂದ ವಿಟ್‌ಕೋಂಬ್.

ಎಲ್ಲರೂ ಕೈ ಮುಂದೆ ಮಾಡಿದೆವು. ಎಲ್ಲರ ಉಗುರಿನಲ್ಲೂ ಬೂದಿ.

ಹಿರಿಯಳು ಬ್ರಿಜಿಡಾ ಹೇಳಿದಳು, "ಎಲ್ಲಾ ಹ್ಯಾಲ್‌ಸ್ಟೆಡ್ ಒಲೆದೇ ಸಾಹೇಬ್ರೇ. ಹೊರಗಿಂದ ಏನೂ ತಂದಿಲ್ಲ."

ತೊಳೆಸಿದ. ತೊಳೆದೆವು. ಮರುದಿನ ಮತ್ತೆ ಎರಚಿದೆವು. ಸ್ಥಾಪಕರ ದಿನ ಮುಗಿಯಲಿ, ನಿಮ್ಮನ್ನೆಲ್ಲ ಕೆಲಸದಿಂದ ಬಿಡಿಸುತ್ತೇನೆ, ಮೊದಲು ಆ ಕುಂಟಿಯ ಜಾಗ ಹೋಗುತ್ತದೆ ಎಂದ. ಕೆಳಗಿನ ಮನೆಯಲ್ಲಿ ಇದನ್ನು ಹೇಳಲು ನನಗೆ ಬಾಯಿ ಬರಲಿಲ್ಲ. ಹೇಳದೆಯೂ ಅಸ್ಸುಂತಾಳಿಗೆ ತಿಳಿಯಿತು. "ಹಾಕದೇ ಇದ್ರೂ ಒಬ್ಬೊಬ್ಬರಾಗಿ ಬಿದ್ದು ಹೋಗ್ತೀರಿ. ಹಾಕಿ," ಎಂದಳು.

ಫೆಬ್ರವರಿಯಲ್ಲಿ ಸ್ಥಾಪಕರ ದಿನ, ಹ್ಯಾಲ್‌ಸ್ಟೆಡ್ ಮುದುಕನ ನೆನಪಿನ ಸಮಾರಂಭ. ಅಂದು ಬೆಳಗಿನ ಜಾವವೇ ನಮ್ಮ ಡಬ್ಬಿ ಖಾಲಿಯಾಗಿದ್ದವು. ತೊಳೆಸಲು ಸಾಹೇಬನಿಗೆ ಹೊತ್ತು ಸಿಗಲಿಲ್ಲ, ಸತ್ತ ಹ್ಯಾಲ್‌ಸ್ಟೆಡ್‌ನ ಹೆಂಡತಿ ಹೇಳಿದ ವೇಳೆಗಿಂತ ಮೊದಲೇ ಬಂದಳು. ತೀರಾ ಮುದುಕಿ, ಕೈಯಲ್ಲಿ ಬೆಳ್ಳಿ ಹಿಡಿಯ ಕೋಲು. ಮೆಟ್ಟಿಲು ನೋಡಿ ನಿಂತಳು. ವಿಟ್‌ಕೋಂಬ್ ಕ್ಷಮಿಸಿ, ಕ್ಷಮಿಸಿ ಎನ್ನುತ್ತ ಓಡಿಬಂದ. ಅವಳು ಅವನ ಕಡೆ ನೋಡಲೂ ಇಲ್ಲ. ಬೂದಿ ಬಿದ್ದಲ್ಲೇ ಕೋಲೂರಿ, ಬೂದಿ ಬಿದ್ದಲ್ಲೇ ಪಾದವಿಟ್ಟು ಒಂದೊಂದಾಗಿ ಹತ್ತಿದಳು. ಮೇಲೆ ಹೋಗಿ, "ಇಲ್ಲಿ ಕಾಲು ನಿಲ್ಲತ್ತೆ," ಎಂದಳು. ಅಷ್ಟೇ.

ಮರುದಿನ ಮೆಟ್ಟಿಲ ಪಕ್ಕ ಒಂದು ಮರದ ಪೆಟ್ಟಿಗೆ ಬಂತು. ತುಂಬ ಬೂದಿ, ವಿಶ್ವವಿದ್ಯಾಲಯದ ಬಾಯ್ಲರಿನದೇ. ದಿನಾ ಬೆಳಿಗ್ಗೆ ತಪ್ಪದೆ ಎರಚಬೇಕೆಂದು ನಮಗೇ ಹುಕುಂ. ಬಿಡಿಸುವ ಮಾತು ಆಮೇಲೆ ಬರಲಿಲ್ಲ. ಕಲೆಯ ಮಾತು, ಫೋಟೋದ ಮಾತು ಯಾವುದೂ ಬರಲಿಲ್ಲ. ಆ ಮುದುಕಿಯ ಕಾಲಿಗೆ ಪೆಟ್ಟಿಗೆ ತುಂಬ ಬೂದಿ, ನನ್ನ ಕೊಮಾರೆಯ ಕಾಲಿಗೆ ಒಂದು ಹಿಡಿಯೂ ಇರಲಿಲ್ಲ. ಕೆಲಸ ಉಳಿಯಿತಲ್ಲ, ಸಂತೋಷಪಡು ಅನ್ನುತ್ತಾನೆ ನನ್ನ ಗಂಡ. ಸಂತೋಷವೇ. ಆದರೆ ಇಡಾಳ ಬಟ್ಟೆ ಹಿಂಡುವಾಗ ಇದು ನೆನಪಾದರೆ ಬಟ್ಟೆ ಹರಿಯುವ ಹಾಗೆ ಹಿಂಡುತ್ತೇನೆ.

ಈಸ್ಟರ್ ಕಳೆದ ಮೇಲೆ ಅಸ್ಸುಂತಾ ಕೆಲಸಕ್ಕೆ ಮರಳಿದಳು. ಗೆನ್ನಾರೊ ಕೆತ್ತಿಕೊಟ್ಟ ಕೋಲು ಒಂದು ಕೈಯಲ್ಲಿ, ಬಕೆಟ್ ಇನ್ನೊಂದರಲ್ಲಿ. ನಾನು ಮಗುವಿನೊಂದಿಗೆ ಜೊತೆಗೆ ಹೋಗಿದ್ದೆ. ಮೆಟ್ಟಿಲ ಮೇಲೆ ವಿಟ್‌ಕೋಂಬ್ ಯಾರೋ ಪರವೂರಿನವರಿಗೆ ಕಟ್ಟಡ ತೋರಿಸುತ್ತಿದ್ದ. ಅವರ ಎದುರು ಬಹಳ ಮರ್ಯಾದೆಯಿಂದ ಪಕ್ಕಕ್ಕೆ ಸರಿದು, "ನೋಡ್ಕೊಂಡು ಹತ್ತಮ್ಮ, ತುಂಬ ಹಳೇ ಮೆಟ್ಟಿಲು," ಎಂದ.

ಅಸ್ಸುಂತಾ ತಗ್ಗಿನ ನಡುವೆಯೇ ಬಕೆಟ್ ಇಳಿಸಿದಳು.

"ಹಳೇದಲ್ಲ ಸಾಹೇಬ್ರೇ. ನನ್ನ ಗಂಡ ತೋಡಿದ್ದು. ನೀವು ತೋಡ್ಸಿದ್ದು."

ಪರವೂರಿನವರಲ್ಲಿ ಕ್ಯಾಮರಾ ಹಿಡಿದಿದ್ದವನು ಅದನ್ನು ಕೆಳಗಿಳಿಸಿದ. ಅವಳು ಬಕೆಟ್ ಎತ್ತಿಕೊಂಡು ನಿಧಾನಕ್ಕೆ ಮೇಲೆ ಹತ್ತಿ ಒಳಗೆ ಹೋದಳು.